ನಾಲ್ವರು ಒಡೆದ ಕನ್ನಡಿ

ಬಕೆಟ್ಟಿಗೆ ನೀರು ತುಂಬಿಸಿ ತಲೆಯ ಮೇಲಿಂದ ರಭಸವಾಗಿ ಸುತ್ತಿಸಿದರೆ ಒಂದು ಹನಿಯೂ ಚೆಲ್ಲುವುದಿಲ್ಲ ಎಂಬ ವಿಜ್ಞಾನವನ್ನು ನಿವೃತ್ತ ಮೇಷ್ಟ್ರು ಎಂಟು ವರ್ಷದ ಬುಗುರಿಗೆ ಹೇಳಿಕೊಟ್ಟದ್ದು ಶುಕ್ರವಾರ ಸಂಜೆ. ಬುಗುರಿ ಅದನ್ನು ಪರೀಕ್ಷೆ ಮಾಡಿ ನೋಡಿದ್ದು ಶನಿವಾರ ಬೆಳಗ್ಗೆ ಎಂಟಕ್ಕೆ. ಬಕೆಟ್ಟು ಕೈಗೆ ಸಿಗಲಿಲ್ಲ. ಕಟಿಂಗ್ ಶಾಪಿನಲ್ಲಿ ಗಡ್ಡಕ್ಕೆ ನೀರಿಡುವ ಸ್ಟೀಲ್ ಮಗ್ಗು ಸಿಕ್ಕಿತು. ಅವಳು ಕುರ್ಚಿಯ ಮೇಲೆ ಹತ್ತಿ ನಿಂತು ಕೈ ಬೀಸಿದಳು. ಮೇಷ್ಟ್ರು ಹೇಳಿದ್ದು ಅಪ್ಪಟ ಸತ್ಯ, ನೀರು ಚೆಲ್ಲಲಿಲ್ಲ. ನಾಲ್ಕನೇ ಸುತ್ತಿಗೆ ಮಗ್ಗೇ ಕೈಬಿಟ್ಟು ಹೋಗಿ ಎದುರು ಗೋಡೆಯ ಆಳೆತ್ತರದ ಕನ್ನಡಿಗೆ ಬಡಿಯಿತು.

ಹಿಂದಿನ ಮನೆಯಿಂದ ಕತ್ತರಿಯಣ್ಣ ಹಲ್ಲುಜ್ಜುವ ಬ್ರಷ್ಷು ಬಾಯಲ್ಲಿಟ್ಟುಕೊಂಡೇ ಓಡಿಬಂದ. ಅಂಗಡಿಯೂ ಅವನದೇ, ಕನ್ನಡಿಯೂ ಅವನದೇ. ಬುಗುರಿ ಮಾತ್ರ ಅವನ ಸ್ವಂತದವಳಲ್ಲ. ಹೆತ್ತವರ ಬಳಿ ಇರಲಾಗದ ಮಕ್ಕಳನ್ನು ಬೇರೆಯವರ ಮನೆಯಲ್ಲಿಟ್ಟು ಸಾಕಿಸುವ ಮಕ್ಕಳ ಕಚೇರಿ ಅವಳನ್ನು ಎಂಟು ತಿಂಗಳ ಹಿಂದೆ ಈ ಮನೆಗೆ ಕಳಿಸಿತ್ತು. ಸಾಕುವವರಿಗೆ ಕಚೇರಿ ತಿಂಗಳಿಗಿಷ್ಟು ಎಂದು ಕೊಡುತ್ತದೆ. ಮಗು ಏನಾದರೂ ಹಾಳು ಮಾಡಿದರೆ ಅದರ ಖರ್ಚನ್ನೂ ಕಟ್ಟಿಕೊಡುತ್ತದೆ. ಕೊಡುತ್ತದೆ ಅನ್ನುವುದು ನಿಯಮದ ಪುಸ್ತಕದ ಮಾತು. ಬಂದ ಹೊಸದರಲ್ಲಿ ಬುಗುರಿಗೆ ಕೊಡಿಸಿದ ಶೂಗಳ ಬಿಲ್ಲು, ಪಿನ್ನನ್ನು ಎಡ ಮೂಲೆಗೆ ಹೊಡೆಯುವ ಬದಲು ಬಲ ಮೂಲೆಗೆ ಹೊಡೆದದ್ದಕ್ಕೆ ಹೋದ ದಾರಿಯಲ್ಲೇ ವಾಪಸು ಬಂದಿತ್ತು. ಆ ಶೂ ಈಗ ಅವಳಿಗೆ ಚಿಕ್ಕದಾಗಿದೆ.

"ಮಾಮ, ನೀರು ಚೆಲ್ಲಲೇ ಇಲ್ಲ!" ಎಂದಳು ಬುಗುರಿ, ಕುರ್ಚಿಯ ಮೇಲಿಂದಲೇ, ಕಣ್ಣರಳಿಸಿ.

ಕತ್ತರಿಯಣ್ಣನಿಗೆ ಬೈಯಬೇಕು ಅನ್ನಿಸಿತು. ಆದರೆ ಬಾಯಲ್ಲಿ ಬ್ರಷ್ಷಿತ್ತು. ಅದನ್ನು ತೆಗೆಯುವಷ್ಟರಲ್ಲಿ ಸಿಟ್ಟು ಇಳಿದು ಲೆಕ್ಕ ಏರಿತು. ಆ ಕನ್ನಡಿ ಅಂಗಡಿಯ ಎರಡು ತಿಂಗಳ ಬಾಡಿಗೆಗೆ ಸಮ. ಈ ತಿಂಗಳ ಬಾಡಿಗೆಯೇ ಇನ್ನೂ ಕೊಟ್ಟಿರಲಿಲ್ಲ.

ಅವನ ಹೆಂಡತಿ ಬೇಕರಿಯಲ್ಲಿ ಕೇಕಿನ ಮೇಲೆ ಹೆಸರು ಬರೆಯುವವಳು. ಕೆಲಸಕ್ಕೆ ಹೊರಡುವ ಅವಸರದಲ್ಲೂ ನಷ್ಟದ ಅರ್ಜಿಯನ್ನು ಅವಳೇ ತುಂಬಿದಳು. ಪ್ರತಿ ಅಕ್ಷರಕ್ಕೂ ಒಂದೊಂದು ಸುರುಳಿ ಬಾಲ ಬಂತು. ಕಚೇರಿಗೆ ಫೋನೂ ಅವಳೇ ಮಾಡಿದಳು.

"ರೀ, ಇವತ್ತು ಹೇಗಿದ್ರೂ ಮಗು ನೋಡೋಕೆ ಬರೋರಿದ್ರಂತೆ. ನಾಲ್ಕು ಗಂಟೆಗೆ ಬರ್ತಾರಂತೆ. ಒಡೆದ ಚೂರು ಒಡೆದ ಜಾಗದಲ್ಲೇ ಇರಬೇಕಂತೆ. ಕನ್ನಡಿ ಕೊಂಡ ಬಿಲ್ಲಿನ ನಕಲು ಬೇಕಂತೆ. ಮತ್ತೆ ನೀವು, ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡಿ. ಜಾಸ್ತಿ ಮಾತಾಡಬೇಡಿ."

"ನಾನೇನು ಮಾತಾಡ್ತೀನಿ?"

"ಅದೇ ನನಗೂ ಭಯ" ಎಂದು ಅವಳು ಹೊರಟುಹೋದಳು.

ಹಳೆಯ ಬಿಲ್ಲು ಅಟ್ಟದ ಮೇಲಿನ ಪೆಟ್ಟಿಗೆಯಲ್ಲಿ ಸಿಕ್ಕಿತು. ಬುಗುರಿಯನ್ನು ಎದುರಿನ ಟೈಲರಕ್ಕನ ಅಂಗಡಿಯಲ್ಲಿ ಗುಂಡಿ ಡಬ್ಬಿಯ ಮುಂದೆ ಕೂರಿಸಿ ಕತ್ತರಿಯಣ್ಣ ನಕಲು ಮಾಡಿಸಲು ಹೋದ. ಅಲ್ಲಿ ಕ್ಯೂ. ಅರ್ಧ ಗಂಟೆ ಬಿಟ್ಟು ಬಂದು ನೋಡಿದರೆ ಅಂಗಡಿಯ ನೆಲ ಫಳಫಳ ಹೊಳೆಯುತ್ತಿತ್ತು. ಒಂದು ಚೂರು ಗಾಜಿರಲಿಲ್ಲ. ಟೈಲರಕ್ಕ ಪೊರಕೆ ಹಿಡಿದು, ಪಕ್ಕದ ಅಂಗಡಿಯ ಸೈಕಲ್ ರಿಪೇರಿಯವನು ಒದ್ದೆ ಬಟ್ಟೆ ಹಿಡಿದು, ಇಬ್ಬರೂ ಹೊಗಳಿಕೆಗೆ ಕಾದು ನಿಂತಿದ್ದರು.

"ನೋಡು ಕತ್ತರಿಯಣ್ಣ, ನೀನು ಬರೋಷ್ಟರಲ್ಲಿ ಮುಗಿಸಿಬಿಟ್ವಿ. ಮಗು ಬರಿಗಾಲಲ್ಲಿ ಓಡಾಡ್ತಿರುತ್ತೆ" ಎಂದಳು ಟೈಲರಕ್ಕ.

"ಚೂರು ಎಲ್ಲಿ?"

"ಕಸದ ಗಾಡಿಗೆ ಹಾಕಿದೆ" ಎಂದ ಸೈಕಲ್‌ನವನು. "ಗಾಡಿಯವನು ತಗೊಳ್ಳಲ್ಲ ಅಂದ. ನಾನು ಬಿಡ್ತೀನಾ? ಜೋರು ಮಾಡಿ ಹಾಕಿಸಿದೆ."

ಕತ್ತರಿಯಣ್ಣ ಸೈಕಲ್‌ನವನ ಅಂಗಡಿಯಲ್ಲಿ ರಿಪೇರಿಗೆ ಬಂದಿದ್ದ ಯಾರದೋ ಸೈಕಲ್ಲು ಹತ್ತಿ ಕಸದ ಗಾಡಿಯ ಹಿಂದೆ ಬಿದ್ದ. ರಿಪೇರಿಗೆ ಬಂದದ್ದು ಯಾಕೆ ಎಂದು ಮೊದಲ ಇಳಿಜಾರಿನಲ್ಲೇ ಗೊತ್ತಾಯಿತು, ಬ್ರೇಕಿರಲಿಲ್ಲ. ಗಾಡಿ ತಿರುವಿನಲ್ಲಿ ನಿಂತಿದ್ದರಿಂದ ಅವನೂ ಅದಕ್ಕೆ ಗುದ್ದಿ ನಿಂತ. ಕೈಮುಗಿದು, ಕಾಲು ಹಿಡಿದು, ಇಬ್ಬರು ಕಸದವರಿಗೆ ಒಂದು ವರ್ಷ ಪುಕ್ಕಟೆ ಕಟಿಂಗ್ ಒಪ್ಪಿಕೊಂಡು, ಒಂದು ಚೀಲ ಗಾಜು ಹೊತ್ತು ತಂದ. ಹನ್ನೊಂದಕ್ಕೆ ಕೂತವನು ಚೂರುಗಳನ್ನು ನೆಲದ ಮೇಲೆ ಒಂದೊಂದಾಗಿ ಹರಡಿದ. ಒಡೆದ ಕನ್ನಡಿಯನ್ನು ಒಡೆದ ಹಾಗೆ ಕಾಣಿಸುವುದು ಇಷ್ಟು ಕಷ್ಟ ಎಂದು ಅವನಿಗೆ ತಿಳಿದಿರಲಿಲ್ಲ.

ಶನಿವಾರವೆಂದರೆ ಗಿರಾಕಿಗಳ ದಿನ. ಬಂದವರು ಬಾಗಿಲಲ್ಲೇ ನಿಂತು ಇಣುಕಿ ನೋಡಿ ಹಿಂದಿರುಗಿದರು. ಹಿಂದಿನ ಗೋಡೆಯ ಚಿಕ್ಕ ಕನ್ನಡಿಯೇ ಸಾಕು ಎಂದು ಧೈರ್ಯ ಮಾಡಿ ಕೂತ ಒಬ್ಬನಿಗೆ ಕಿವಿ ಪಕ್ಕದ ಒಂದು ಕೃದಾ ಮೇಲೆ, ಒಂದು ಕೃದಾ ಕೆಳಗೆ ಆಯಿತು. ಅವನು ಮನೆಗೆ ಹೋಗಿ ನೋಡಿಕೊಂಡು ವಾಪಸು ಬರುವಷ್ಟರಲ್ಲಿ ಮೇಷ್ಟ್ರು ಬಂದರು.

ಮೇಷ್ಟ್ರು ದಿನಾ ಬರುವುದು ಪೇಪರ್ ಓದಲು. ಅವರ ತಲೆಯಲ್ಲಿ ಕತ್ತರಿಗೆ ಕೆಲಸ ಕೊಡುವಂಥದ್ದು ಏನೂ ಉಳಿದಿರಲಿಲ್ಲ. ಚೂರುಗಳನ್ನು ನೋಡಿದರು, ಅರ್ಜಿಯನ್ನು ಓದಿದರು, ಕನ್ನಡಕ ತೆಗೆದರು.

"ಏನಯ್ಯ, ಮಗು ಒಡೆಯಿತು ಅಂತ ಬರೆದು ಕೊಡ್ತಿದ್ದೀಯಾ? ನಿನಗೆ ತಲೆ ನೆಟ್ಟಗಿದೆಯಾ?"

"ಹೌದಲ್ಲ ಮೇಷ್ಟ್ರೇ, ಅವಳೇ ಅಲ್ವಾ ಒಡೆದಿದ್ದು?"

"ಒಡೆದಿದ್ದು ಬೇರೆ, ಬರೆದುಕೊಡೋದು ಬೇರೆ. 'ಈ ಮನೆಯವರಿಗೆ ಮಗುನ ಹಿಡಿತದಲ್ಲಿಟ್ಟುಕೊಳ್ಳೋಕೆ ಬರಲ್ಲ' ಅಂತ ಕಚೇರಿಯವರು ಷರಾ ಹಾಕ್ತಾರೆ. ಆಮೇಲೆ ಮಗುನ ಬೇರೆ ಮನೆಗೆ ಕಳಿಸ್ತಾರೆ. ನಾನು ಪೇಪರ್‌ನಲ್ಲಿ ಓದಿದ್ದೀನಿ."

ಕತ್ತರಿಯಣ್ಣ ಮೇಷ್ಟ್ರ ಕೈಯಿಂದ ಅರ್ಜಿ ಕಿತ್ತುಕೊಂಡ. ಬಂದ ಮೊದಲ ವಾರ ಈ ಹುಡುಗಿ ಊಟದ ತಟ್ಟೆಯ ಮುಂದೆಯೂ ಕೈಕಟ್ಟಿ ಕೂರುತ್ತಿದ್ದಳು. ಒಂದು ದಿನ ಕುರ್ಚಿಯಲ್ಲಿ ಕೂರಿಸಿ ಒಂದು ಸುತ್ತು ತಿರುಗಿಸಿದಾಗ ಮೊದಲ ಸಲ ನಕ್ಕಿದ್ದಳು, ಬುಗುರಿ ಎಂಬ ಹೆಸರು ಅಂದೇ ಬಿದ್ದದ್ದು. ಈಗ ಅವಳಿಲ್ಲದ ಅಂಗಡಿಯನ್ನು ನೆನೆಯಲೂ ಅವನಿಂದಾಗಲಿಲ್ಲ. ಕನ್ನಡಿಯ ದುಡ್ಡು ಹಾಳಾಗಿ ಹೋಗಲಿ, ಮಗು ಹೋಗಬಾರದು. ಅರ್ಜಿಯನ್ನು ನಾಲ್ಕು ಮಡಿಕೆ ಮಾಡಿ ಜೇಬಿನ ತಳಕ್ಕೆ ತುರುಕಿಕೊಂಡ.

ಮೇಷ್ಟ್ರ ಮಾತು ಅಂಗಡಿಯಿಂದ ಅಂಗಡಿಗೆ ಹಾರಿತು. ಟೈಲರಕ್ಕ ಅಳತೆ ಟೇಪಿನಲ್ಲೇ ಕಣ್ಣೊರೆಸಿಕೊಂಡಳು. ಸೈಕಲ್‌ನವನು ಸ್ಪ್ಯಾನರ್ ಹಿಡಿದು ಅತ್ತಿಂದಿತ್ತ ಓಡಾಡಿದ. ಮೇಷ್ಟ್ರು ಪೇಪರ್ ತಲೆಕೆಳಗಾಗಿ ಹಿಡಿದು ಕೂತರು. ವಿಜ್ಞಾನ ಹೇಳಿಕೊಟ್ಟವರು ಯಾರು ಎಂಬುದು ಅವರಿಗೂ ನೆನಪಿತ್ತು.

ನಾಲ್ಕಕ್ಕೆ ಬರಬೇಕಾದ ಅಧಿಕಾರಿ ಮೇಡಂ ಮೂರಕ್ಕೇ ಬಂದರು. ದಪ್ಪ ಫೈಲು, ಕಿವಿಯ ಮೇಲೆ ಪೆನ್ನು. ನೆಲದ ಮುಂದೆ ಕುಕ್ಕರುಗಾಲಲ್ಲಿ ಕೂತು ಚೂರುಗಳನ್ನು ಪರೀಕ್ಷಿಸಿದರು. ಒಂದು ಚೂರನ್ನು ಎತ್ತಿ ಬೆಳಕಿಗೆ ಹಿಡಿದರು.

"ಇದು ಹಸಿರು ಬಣ್ಣದ್ದು. ಇದೂ ಕನ್ನಡೀದೇನಾ?"

ಚೀಲದಲ್ಲಿ ಯಾರದೋ ಬಾಟಲಿಯೂ ಸೇರಿಕೊಂಡಿತ್ತು. ಜಾಸ್ತಿ ಮಾತಾಡಬೇಡಿ ಎಂದ ಹೆಂಡತಿಯ ಮಾತು ನೆನೆದು ಕತ್ತರಿಯಣ್ಣ ಬರೀ ನಕ್ಕ.

"ಹೋಗಲಿ, ಒಡೆದದ್ದು ಯಾರು?"

ಅವನು ಬಾಯಿ ತೆರೆಯುವ ಮೊದಲೇ ಟೈಲರಕ್ಕ ಒಳಗೆ ನುಗ್ಗಿದಳು. "ನಾನು ಮೇಡಂ! ಪೊರಕೆ ಹಿಡಿ ತಾಗಿಬಿಡ್ತು. ಮಗುಗೂ ಇದಕ್ಕೂ ಏನೇನೂ ಸಂಬಂಧ ಇಲ್ಲ."

"ಅಕ್ಕ ಸುಳ್ಳು ಹೇಳ್ತಿದ್ದಾರೆ" ಎಂದು ಸೈಕಲ್‌ನವನು ಅಡ್ಡಬಂದ. "ಸ್ಪ್ಯಾನರ್ ಎಸೆದಿದ್ದು ನಾನು. ನೊಣಕ್ಕೆ ಎಸೆದೆ. ನೊಣ ಹಾರಿಹೋಯ್ತು."

ಮೇಷ್ಟ್ರು ಎದ್ದು ನಿಂತು ಗಂಟಲು ಸರಿಮಾಡಿಕೊಂಡರು. "ಮೂಲ ಕಾರಣ ನಾನು. ವಿವರ ಕೇಳಬೇಡಿ. ವಿಜ್ಞಾನದ ವಿಷಯ."

ಮೇಡಂ ಮೂವರ ಮಾತನ್ನೂ ಬರೆದುಕೊಂಡು ಮೂವರಿಂದಲೂ ಸಹಿ ಹಾಕಿಸಿಕೊಂಡರು. ಮೂವರೂ ಸಹಿಯ ಕೆಳಗೆ ಗೆರೆ ಎಳೆದರು. ಆಮೇಲೆ ಮೇಡಂ ಕತ್ತರಿಯಣ್ಣನ ಕಡೆ ತಿರುಗಿದರು.

"ನೀವೇನು ಹೇಳ್ತೀರಾ?"

ಬಾಗಿಲಾಚೆ ಬುಗುರಿ ಗುಂಡಿಗಳನ್ನು ಪೋಣಿಸುತ್ತಾ ಕೂತಿದ್ದುದು ಅವನಿಗೆ ಕಾಣುತ್ತಿತ್ತು.

"ಇವರೆಲ್ಲ ಒಳ್ಳೆಯವರು ಮೇಡಂ. ಒಡೆದಿದ್ದು ನಾನೇ" ಎಂದ. ಹೇಳಿದ ಮೇಲೆ ಮನಸ್ಸು ಹಗುರಾಯಿತು. ನಾಲ್ಕನೆಯ ಸಹಿಯನ್ನೂ ಹಾಕಿದ.

ಮೇಡಂ ಫೈಲು ಮುಚ್ಚಿದರು. ಅವರ ಮುಖ ಬಾಡಿತು.

"ಛೆ! ಬೆಳಗ್ಗೆ ಫೋನ್ ಬಂದಾಗ ನನಗೆ ಎಷ್ಟು ಖುಷಿಯಾಗಿತ್ತು ಗೊತ್ತಾ? ಅಂತೂ ಈ ಮಗು ಏನೋ ಒಂದು ಒಡೀತಲ್ಲ ಅಂತ."

ನಾಲ್ವರೂ ಮುಖ ಮುಖ ನೋಡಿಕೊಂಡರು.

"ಭಯ ಇರೋ ಮಗು ಏನನ್ನೂ ಮುಟ್ಟಲ್ಲ. ಇದು ನನ್ನ ಮನೆ ಅನ್ನಿಸಿದ ಮೇಲೆ ಚೆಲ್ಲುತ್ತೆ, ಒಡೆಯುತ್ತೆ. ಎಂಟು ತಿಂಗಳಲ್ಲಿ ಒಂದು ಲೋಟನೂ ಒಡೆದಿಲ್ಲ ಅಂದ್ರೆ ಅವಳಿಗೆ ಇಲ್ಲಿ ಹೊಂದಿಕೆ ಆಗಿಲ್ಲ ಅಂತ ಅರ್ಥ. ನನಗೂ ಬೇಜಾರೇ, ಆದ್ರೆ ಬೇರೆ ಮನೆ ನೋಡಬೇಕಾಗುತ್ತೆ."

ಅಂಗಡಿಯೊಳಗೆ ಒಮ್ಮೆಲೇ ಗಲಾಟೆ ಎದ್ದಿತು. "ಅವಳೇ ಒಡೆದಿದ್ದು ಮೇಡಂ!" ಎಂದು ಟೈಲರಕ್ಕ ಕೂಗಿದಳು. "ನಾನು ನೊಣಾನೇ ನೋಡಿಲ್ಲ!" ಎಂದ ಸೈಕಲ್‌ನವನು. "ಪ್ರಯೋಗ ಮಾಡಿದ್ದು ಅವಳು, ಪಾಠ ಮಾತ್ರ ನನ್ನದು" ಎಂದರು ಮೇಷ್ಟ್ರು. ಕತ್ತರಿಯಣ್ಣ ಜೇಬಿನ ತಳದಿಂದ ಸುಕ್ಕಾದ ಅರ್ಜಿ ತೆಗೆದು ಬಿಡಿಸಿ ಹಿಡಿದ.

"ಐದು ನಿಮಿಷದ ಹಿಂದೆ ನಾಲ್ಕು ಜನ ಸಹಿ ಹಾಕಿದ್ದೀರಾ" ಎಂದರು ಮೇಡಂ. "ಈಗ ಯಾವುದನ್ನ ನಂಬಲಿ?"

ಗಲಾಟೆ ಕೇಳಿ ಬುಗುರಿ ಓಡಿಬಂದು ನಡುವೆ ನಿಂತಳು. ಅವಳಿಗೆ ಅವಮಾನವಾಗಿತ್ತು. ಇಡೀ ಬೀದಿಯಲ್ಲಿ ಯಾರೂ ಮಾಡದ ಕೆಲಸ ಅವಳು ಮಾಡಿದ್ದಳು, ಈಗ ನೋಡಿದರೆ ಪಾಲುದಾರರು ಹುಟ್ಟಿಕೊಂಡಿದ್ದರು.

"ನಾನೇ ಒಡೆದಿದ್ದು! ಇವರ್ಯಾರಿಗೂ ಹಾಗೆ ಮಾಡೋಕೆ ಬರಲ್ಲ!"

"ಹೌದಾ? ಹೇಗೆ ಒಡೆದೆ ಪುಟ್ಟಿ?"

"ಮಾಮ, ನೀರು ಕೊಡು" ಎಂದಳು ಬುಗುರಿ.

ಕತ್ತರಿಯಣ್ಣ ಹಿಂದೆಮುಂದೆ ನೋಡಲಿಲ್ಲ. ಮಗ್ಗು ತೆಗೆದು, ಕಂಠಪೂರ್ತಿ ನೀರು ತುಂಬಿಸಿ, ತಾನೇ ಅವಳನ್ನು ಎತ್ತಿ ಕುರ್ಚಿಯ ಮೇಲೆ ನಿಲ್ಲಿಸಿದ. ಟೈಲರಕ್ಕ ಕುರ್ಚಿ ಅಲುಗದಂತೆ ಹಿಡಿದಳು. ಸೈಕಲ್‌ನವನು ಎಲ್ಲರನ್ನೂ ಹಿಂದಕ್ಕೆ ಸರಿಸಿ ಜಾಗ ಬಿಡಿಸಿದ. "ಮೊಣಕೈ ಮಡಚಬೇಡ" ಎಂದರು ಮೇಷ್ಟ್ರು. ಬುಗುರಿ ಕೈ ಬೀಸಿದಳು. ಒಂದು ಸುತ್ತು, ಎರಡು, ಮೂರು. ಒಂದು ಹನಿ ಚೆಲ್ಲಲಿಲ್ಲ. ನಾಲ್ಕನೆಯದಕ್ಕೆ ಮಗ್ಗು ಮೇಷ್ಟ್ರ ಬೋಳು ತಲೆಗೆ ಸ್ನಾನ ಮಾಡಿಸಿ, ಹಿಂದಿನ ಗೋಡೆಯಲ್ಲಿ ಉಳಿದಿದ್ದ ಚಿಕ್ಕ ಕನ್ನಡಿಗೆ ಹೋಗಿ ಬಡಿಯಿತು.

ಆ ಸದ್ದಿಗೆ ಬುಗುರಿಗೇ ಗಾಬರಿಯಾಯಿತು. ಕುರ್ಚಿಯಿಂದ ಧುಮುಕಿದವಳು ಕತ್ತರಿಯಣ್ಣನ ಬೆನ್ನ ಹಿಂದೆ ಹೋಗಿ, ಅವನ ಏಪ್ರನ್ನಿನಲ್ಲಿ ಮುಖ ಮುಚ್ಚಿಕೊಂಡಳು. ಅವನು ಹಿಂದಕ್ಕೆ ಕೈ ಚಾಚಿ ಅವಳ ತಲೆ ಹಿಡಿದುಕೊಂಡ. ಮೇಡಂ ಒಡೆದ ಕನ್ನಡಿಯನ್ನು ನೋಡಲಿಲ್ಲ, ಅವರಿಬ್ಬರನ್ನೇ ಒಂದು ಗಳಿಗೆ ನೋಡಿದರು. ಆಮೇಲೆ ಫೈಲು ಬಿಚ್ಚಿ ಏನೋ ಬರೆದರು.

"ಮಗು ಇಲ್ಲೇ ಇರಲಿ" ಎಂದರು.

ಟೈಲರಕ್ಕ ಜೋರಾಗಿ ಅತ್ತಳು. ಸೈಕಲ್‌ನವನು ಸ್ಪ್ಯಾನರನ್ನು ಮೇಲಕ್ಕೆಸೆದು ಹಿಡಿದ. ಮೇಷ್ಟ್ರು ಒದ್ದೆ ತಲೆಯಲ್ಲೇ ಚಪ್ಪಾಳೆ ತಟ್ಟಿದರು. ಕತ್ತರಿಯಣ್ಣನಿಗೆ ಕುಣಿಯುವಷ್ಟು ಸಂತೋಷವಾಯಿತು, ಆ ಸಂತೋಷದಲ್ಲೇ ದುಡ್ಡಿನ ಆಸೆಯೂ ಮೆಲ್ಲಗೆ ಎದ್ದು ಕೂತಿತು.

"ಮೇಡಂ, ಹಾಗಾದ್ರೆ ಕನ್ನಡಿ ಖರ್ಚು?"

"ಮೊದಲನೇದಕ್ಕೆ ಕೊಡೋ ಹಾಗಿಲ್ಲ. ದೊಡ್ಡವರು ನಾಲ್ಕು ಜನ ನಾವೇ ಒಡೆದ್ವಿ ಅಂತ ಸಹಿ ಹಾಕಿದ್ದೀರಾ. ಅವರ ಹತ್ರಾನೇ ವಸೂಲಿ ಮಾಡ್ಕೊಳ್ಳಿ."

ಕತ್ತರಿಯಣ್ಣ ತಿರುಗಿ ನೋಡಿದ. ಮೇಷ್ಟ್ರಿಗೆ ತಲೆ ಒರೆಸಿಕೊಳ್ಳಲು ಮನೆ ನೆನಪಾಗಿತ್ತು. ಸೈಕಲ್‌ನವನಿಗೆ ಪಂಕ್ಚರ್ ನೆನಪಾಗಿತ್ತು. ಟೈಲರಕ್ಕ ಆಗಲೇ ರಸ್ತೆ ದಾಟಿದ್ದಳು.

"ಎರಡನೇದು? ಅದನ್ನ ನೀವೇ ನೋಡಿದ್ರಲ್ಲ ಮೇಡಂ!"

"ನೋಡಿದೆ. ದೊಡ್ಡವರ ಸಹಾಯದಿಂದ ಒಡೆದದ್ದಕ್ಕೆ ದುಡ್ಡು ಬರಲ್ಲ ಅಂತ ಅರ್ಜಿಯ ಹಿಂದೆಯೇ ಇದೆ. ಮಗ್ಗಿಗೆ ನೀರು ತುಂಬಿಸಿದ್ದು ಯಾರು?"

"ನಾನೇ" ಎಂದ ಕತ್ತರಿಯಣ್ಣ. ಮೇಡಂ ಕೇಳಿದ್ದಕ್ಕೆ ಅವನು ಹೇಳಿದ ಮೊದಲ ನಿಜ ಅದು.

ಮೇಡಂ ಹೊರಡಲು ಎದ್ದವರು ಬಾಗಿಲಲ್ಲಿ ನಿಂತರು. "ಒಂದು ಮಾತು. ಅಣ್ಣತಮ್ಮ ಇಬ್ಬರು ಹುಡುಗರಿದ್ದಾರೆ. ಮೂರು ಮನೆ ಬದಲಾಯಿಸಿದ್ದಾಯ್ತು, ಇನ್ನೂ ಒಂದು ಚಮಚನೂ ಬೀಳಿಸಿಲ್ಲ, ಗೋಡೆ ಪಕ್ಕ ಕೈಕಟ್ಟಿ ನಿಂತಿರ್ತಾವೆ. ಮಗು ಇಷ್ಟು ಧೈರ್ಯವಾಗಿ ಒಡೆಯೋ ಮನೆ ನಾನು ಇನ್ನೊಂದು ನೋಡಿಲ್ಲ. ಸೋಮವಾರ ಕರ್ಕೊಂಡು ಬರಲಾ?"

ಕೈಕಟ್ಟಿ ನಿಂತಿರುತ್ತವೆ ಎಂಬ ಮಾತು ಕೇಳಿ ಕತ್ತರಿಯಣ್ಣನಿಗೆ ಬೇರೆಯದೇನೂ ಹೊಳೆಯಲಿಲ್ಲ. "ಬರಲಿ ಮೇಡಂ" ಎಂದುಬಿಟ್ಟ. ಏಪ್ರನ್ನಿನೊಳಗಿಂದ ಬುಗುರಿ, "ನಾನು ಹೇಳಿಕೊಡ್ತೀನಿ!" ಎಂದಳು.

ಆರು ಗಂಟೆಗೆ ಹೆಂಡತಿ ಬಂದಳು. ಬೆರಳ ತುದಿಯಲ್ಲಿ ಇನ್ನೂ ಗುಲಾಬಿ ಬಣ್ಣದ ಕ್ರೀಮಿತ್ತು. ಎದುರಿನ ಬೋಳು ಗೋಡೆ ನೋಡಿದಳು, ತಿರುಗಿ ಹಿಂದಿನ ಬೋಳು ಗೋಡೆ ನೋಡಿದಳು. ಕುರ್ಚಿಯ ಮೇಲೆ ಅಕ್ಕಪಕ್ಕ ಕೂತಿದ್ದ ಗಂಡನನ್ನೂ ಬುಗುರಿಯನ್ನೂ ನೋಡಿದಳು.

"ಏನ್ರೀ, ಕನ್ನಡಿಗೆ ಏನು ಕೊಟ್ರು?"

"ಇಬ್ಬರು ಗಂಡುಮಕ್ಕಳು" ಎಂದ ಕತ್ತರಿಯಣ್ಣ.