ಜಗದೇವಪ್ಪ ಮಾಸ್ತರರ ಕಾರಿನ ಕಂಬಿ

ಪ್ರಪಂಚದಲ್ಲಿ ಕಾರು ಇಟ್ಟುಕೊಂಡ ಗಂಡಸರು ಲಕ್ಷಗಟ್ಟಲೆ ಇದ್ದಾರೆ. ಅವರ ಕಾರಿನ ನೆತ್ತಿಯ ಮೇಲೆ ಯಾರೂ ಅಕ್ಕಿಚೀಲ ಹೇರುವುದಿಲ್ಲ, ಹೊಲಿಗೆ ಯಂತ್ರ ಕಟ್ಟುವುದಿಲ್ಲ, ಒಗೆದ ಕೌದಿ ಒಣಹಾಕುವುದಿಲ್ಲ. ಈ ಮೂರು ಭಾಗ್ಯಗಳೂ ಒಟ್ಟಿಗೆ ಒಲಿದು ಬಂದದ್ದು ಶಹಾಪುರದ ಹೈಸ್ಕೂಲಿನಲ್ಲಿ ವಿಜ್ಞಾನ ಕಲಿಸುವ ಜಗದೇವಪ್ಪ ಮಾಸ್ತರರೊಬ್ಬರಿಗೇ. ಇದೇನು ನ್ಯಾಯ ಎಂದು ಅವರು ದಿನಕ್ಕೆರಡು ಸಲ ಕೇಳುತ್ತಿದ್ದರು. (ಕೇಳುತ್ತಿದ್ದದ್ದು ಮನಸ್ಸಿನಲ್ಲಿ. ಬಾಯಿಬಿಟ್ಟು ಕೇಳಿದರೆ ಉತ್ತರ ಕೊಡಲು ಹೆಂಡತಿ ದೇವಕ್ಕ ಮನೆಯಲ್ಲೇ ಇರುತ್ತಿದ್ದಳು.)

ಕಾರು ಹಳೆಯದು. ಹಳೆಯದು ಎಂದರೆ ಮಾಸ್ತರರಿಗೆ ಸಿಟ್ಟು ಬರುತ್ತದೆ. ಕಲಬುರಗಿಯ ಡಾಕ್ಟರರೊಬ್ಬರು ಓಡಿಸಿದ್ದು ಎನ್ನಬೇಕು. ಹಾಲಿನಂಥ ಬಿಳಿ ಬಣ್ಣ, ಮೈಮೇಲೆ ಒಂದೇ ಒಂದು ಗೀರಿಲ್ಲ. ರವಿವಾರ ಬೆಳಿಗ್ಗೆ ಅವರು ಅದಕ್ಕೆ ಶಾಂಪೂ ಹಚ್ಚಿ ಸ್ನಾನ ಮಾಡಿಸಿ, ಹಳೆಯ ಧೋತರದಿಂದ ಒರೆಸಿ, ಆಮೇಲೆ ತಾವು ಸ್ನಾನಕ್ಕೆ ಹೋಗುತ್ತಿದ್ದರು, ಸಾದಾ ಸಾಬೂನು ಹಿಡಿದುಕೊಂಡು. ಇಂಥ ಕಾರಿಗಿದ್ದ ಒಂದೇ ಐಬು ಎಂದರೆ ಟಾಪಿನ ಎಡಬಲದ ಅಂಚಿನುದ್ದಕ್ಕೂ ಕೂರಿಸಿದ್ದ ಎರಡು ಕಂಬಿ. ರೂಫ್ ರೇಲ್ ಎಂದು ಕಂಪನಿಯವರು ಅದಕ್ಕೆ ಹೆಸರಿಟ್ಟಿದ್ದರು. ನೋಡಲು ಚಂದವಿರಲಿ ಎಂದು ಕೊಟ್ಟಿದ್ದರು. ಆದರೆ ಯಾದಗಿರಿ ಸೀಮೆಯಲ್ಲಿ ಹಗ್ಗ ಕಟ್ಟಲು ಬರುವ ಯಾವ ವಸ್ತುವನ್ನೂ ಬರೇ ಚಂದಕ್ಕೆಂದು ಯಾರೂ ಬಿಡುವುದಿಲ್ಲ.

ಇದರಲ್ಲಿ ಮೊದಲನೆಯ ಅಪರಾಧಿ ಕಾಲುವೆ. ದೇವಕ್ಕನ ತವರು ಶಹಾಪುರದಿಂದ ಅರ್ಧ ತಾಸಿನ ದಾರಿ, ಕಾಲುವೆಯ ದಂಡೆಯ ಮೇಲಿನ ಹಳ್ಳಿ. ಕಾಲುವೆಗೆ ನೀರು ಬರುವ ಮೊದಲು, ಅಳಿಯ ಹೋದರೆ ಅತ್ತೆ ಭಾಗಮ್ಮ ಒಂದು ಕೈಚೀಲದಲ್ಲಿ ತೊಗರಿಬೇಳೆ ಕೊಟ್ಟು ಕಳಿಸುತ್ತಿದ್ದರು. ಅದು ಮಾಸ್ತರರ ತೊಡೆಯ ಮೇಲೆ ಕುಳಿತು ಸಭ್ಯವಾಗಿ ಬಸ್ಸಿನಲ್ಲಿ ಬರುತ್ತಿತ್ತು. ನೀರು ಬಂತು, ಹೊಲ ಹೋಗಿ ಗದ್ದೆಯಾಯಿತು, ಅತ್ತೆಯ ಪ್ರೀತಿ ಕೈಚೀಲದಿಂದ ಐವತ್ತು ಕಿಲೋದ ಗೋಣಿಚೀಲಕ್ಕೆ ಏರಿತು. ಹೋದ ಸಲವಂತೂ ಎರಡು ಚೀಲ ಅಕ್ಕಿ, ಅದರ ಮೇಲೆ ನೆರೆಮನೆಯವರ ಎಮ್ಮೆಗೆಂದು ಒಂದು ಹೊರೆ ಜೋಳದ ಕಣಿಕೆ. ಬಸ್ ಸ್ಟ್ಯಾಂಡಿನ ಮುಂದೆ ಹೆಡ್‌ಮಾಸ್ತರರು ಕೈಮಾಡಿ ಕಾರು ನಿಲ್ಲಿಸಿ, "ಏನ್ರಿ ಜಗದೇವಪ್ಪ, ಗಾಡಿ ಬಾಡಿಗಿಗಿ ಬಿಟ್ಟೀರೇನು?" ಎಂದು ಕೇಳಿದ್ದರು. ಅಂದು ರಾತ್ರಿ ಮಾಸ್ತರರು ಅನ್ನ ಮುಟ್ಟಲಿಲ್ಲ. (ರೊಟ್ಟಿ ಉಂಡರು. ಅನ್ನ ಅತ್ತೆಯ ಮನೆಯ ಅಕ್ಕಿಯದು.)

ಇಂಥದ್ದರಲ್ಲಿ ಒಂದು ದಿನ ಸಂಜೆ ದೇವಕ್ಕ ಫೋನು ಕೆಳಗಿಟ್ಟು ನಗುನಗುತ್ತ ಬಂದಳು. ಅವಳು ನಗುತ್ತ ಬಂದರೆ ಮಾಸ್ತರರು ಮೊದಲು ಅಂಗಳದಲ್ಲಿ ನಿಂತ ಕಾರಿನ ಕಡೆ ನೋಡುತ್ತಿದ್ದರು.

"ಕೇಳಿದ್ರೇನ್ರಿ? ರವಿವಾರ ತಂಗೀನ ಸುರಪುರಕ್ಕ ಗಂಡನ ಮನಿಗಿ ಕಳಸ್ತಾರಂತ. ಕೂಸಿಗಿ ಐದು ತಿಂಗಳು ತುಂಬ್ಯಾವ. ಕಾರ್ ತಗೊಂಡು ಬರ್ರಿ ಅಂದಾಳ ಅವ್ವ."

"ಹೋಗೂಣಂತ. ಕೂಸಿನ ಭಾರ ಎಷ್ಟರೆ ಇದ್ದೀತು."

"ತೊಟ್ಲಾನೂ ಅದರಿ."

ತುಟಿಗೆ ಹೋಗುತ್ತಿದ್ದ ಚಹಾದ ಕಪ್ಪು ಅಲ್ಲೇ ನಿಂತಿತು.

"ಯಾ ತೊಟ್ಲ?"

"ಅವ್ವ ಸಾಗವಾನಿದು ಮಾಡಿಸ್ಯಾಳ್ರಿ. ನಾಕು ಕಾಲು, ಒಂದೊಂದು ಕಾಲಿಗಿ ಒಂದೊಂದು ಗಿಳಿ ಕೆತ್ಯಾರಂತ. ನಾಕು ಮಂದಿ ಎತ್ತಬೇಕಂತ ನೋಡ್ರಿ!" ನಾಲ್ಕು ಜನ ಎತ್ತಬೇಕೆಂಬುದು ಅವಳಿಗೆ ಹೆಮ್ಮೆಯ ವಿಷಯವಾಗಿತ್ತು.

"ಅದನ್ನ ಟಂಟಂ ಆಟೋದಾಗ ಹಾಕಿ ಕಳಸ್ಲಿ."

"ಎಂಥ ಮಾತಾಡ್ತೀರಿ! ಖಾಲಿ ತೊಟ್ಲ ಒಂದೇ ಯಾರರೆ ಕಳಸ್ತಾರೇನು? ಕೂಸು ಯಾ ಗಾಡ್ಯಾಗ ಹೋಗ್ತದ, ತೊಟ್ಲಾನೂ ಅದೇ ಗಾಡ್ಯಾಗ ಹೋಗಬೇಕು. ನಮ್ಮ ಕಡಿ ಪದ್ಧತಿ ಅದು. ನಮ್ಮ ಕಾರ್ ಮ್ಯಾಲ ಕಂಬಿ ಅವಲ್ಲ, ಆರಾಮ ಕುಂದರ್ತದ."

ಪದ್ಧತಿಯ ಎದುರು ವಿಜ್ಞಾನ ನಡೆಯುವುದಿಲ್ಲ. ಆದರೆ "ಕಂಬಿ ಅವಲ್ಲ" ಎಂಬ ಮಾತು ಮಾಸ್ತರರ ತಲೆಯಲ್ಲಿ ಬೆಳಕು ಹಚ್ಚಿತು. ಕಂಬಿ ಇದ್ದರಲ್ಲವೇ ತೊಟ್ಟಿಲು? ಕಂಬಿಯೇ ಇಲ್ಲದಿದ್ದರೆ? ಬರೇ ನುಣುಪಾದ ಟಾಪಿನ ಮೇಲೆ ಯಾವ ಮಹಾಪುರುಷ ನಾಲ್ಕಾಳು ಎತ್ತುವ ತೊಟ್ಟಿಲು ಕೂರಿಸಿಯಾನು? ಒಂದೇ ಏಟಿಗೆ ತೊಟ್ಟಿಲು, ಅಕ್ಕಿ, ಕಣಿಕೆ, ಕೌದಿ ಎಲ್ಲದರಿಂದಲೂ ವಿಮೋಚನೆ!

"ಕಂಬಿ ತೆಗಸ್ತೀನಿ" ಎಂದು ಶನಿವಾರ ಶಾಲೆ ಬಿಟ್ಟು ಬಂದವರೇ ಘೋಷಿಸಿದರು. "ಗಾಳಿಗಿ ಅಡ್ಡ ಬರ್ತಾವ. ಗಾಡಿ ಎಣ್ಣಿ ಜಾಸ್ತಿ ಕುಡೀತದ. ಇದು ವಿಜ್ಞಾನ."

"ಮೂರು ವರ್ಷ ಇಲ್ಲದ ಗಾಳಿ ಇವತ್ತೇ ಬೀಸ್ತೇನು? ಬೋಳು ಮಾಡಿ ನಿಲ್ಲಸ್ತೀರೇನು ಗಾಡೀನ? ನಾಳಿ ತೊಟ್ಲ ಎಲ್ಲಿ ಇಡೂದು? ನನ್ನ ಕೌದಿ ಎಲ್ಲಿ ಒಣಗಿಸ್ಲಿ?"

"ಕೌದಿ ಒಣಗಿಸಾಕ ಕಾರ್ ತಗೊಂಡಿಲ್ಲ ನಾ!"

"ಮತ್ತ್ಯಾಕ ತಗೊಂಡೀರಿ? ವಾರಕ್ಕೊಮ್ಮಿ ಹೊರಗ ತೆಗೀತೀರಿ, ಅದೂ ತೊಳ್ಯಾಕ!"

ಅಷ್ಟರಲ್ಲಿ ನಸೀರುದ್ದೀನ ಹತ್ಯಾರದ ಪೆಟ್ಟಿಗೆ ಹಿಡಿದು ಗೇಟಿನೊಳಗೆ ಬಂದಿದ್ದ. ಬಸ್ ಸ್ಟ್ಯಾಂಡಿನ ಹಿಂದೆ ಗ್ಯಾರೇಜು ಇಟ್ಟವನು. ಗ್ಯಾರೇಜಿಗಿಂತ ಹೆಚ್ಚು ಹೊತ್ತು ಕಾಲುವೆಯಲ್ಲಿ ಗಾಳ ಹಾಕಿ ಕೂರುವವನು.

"ಹತ್ತು ಮಿನಿಟಿನ ಕೆಲಸ ಮಾಸ್ತರ್ ಸಾಬ್. ಸ್ಕ್ರೂಡ್ರೈವರ್ ಹಾಕಿ ಒಂದು ಎಬ್ಬಸ್ತೀನಿ, ಬಂದು ಬಿಡ್ತಾವ."

"ಎಬ್ಬಸ್ತೀರಾ? ಕಬ್ಬಿಣ ಹಾಕಿ? ನನ್ನ ಗಾಡಿ ಮೈ ಮ್ಯಾಲ?"

ಹತ್ತು ಮಿನಿಟಿನ ಕೆಲಸ ನಾಲ್ಕು ತಾಸು ಹಿಡಿಯಿತು. ಮಾಸ್ತರರು ಮೊದಲು ಟಾಪಿನ ಮೇಲೆ ದೇವಕ್ಕನ ಹೊಸ ಕೌದಿ ಹಾಸಿದರು. ಕಂಬಿಯ ತುದಿಗಿದ್ದ ಪ್ಲಾಸ್ಟಿಕ್ಕಿನ ಮುಚ್ಚಳ ಎಬ್ಬಿಸಲು ಅಡುಗೆಮನೆಯಿಂದ ಹೋಳಿಗೆ ಮಗುಚುವ ಕಟ್ಟಿಗೆ ತಂದುಕೊಟ್ಟರು. (ದೇವಕ್ಕ ಬಾಗಿಲಲ್ಲಿ ನಿಂತು, "ಅದನ್ನ ಮತ್ತ ಒಲಿ ಹತ್ರ ತಂದ್ರ ನೋಡ್ರಿ!" ಎಂದಳು.) ಮುಚ್ಚಳದ ಕೆಳಗೆ ಸ್ಕ್ರೂ ಸಿಕ್ಕವು. ಮೂರು ಬಿಚ್ಚಿದವು, ನಾಲ್ಕನೆಯದು ಜಂಗು ಹಿಡಿದು ಕೂತಿತ್ತು. ನಸೀರುದ್ದೀನ ಸುತ್ತಿಗೆ ಎತ್ತಿದ್ದೇ ತಡ, ಮಾಸ್ತರರು ಎರಡೂ ಕೈ ಚಾಚಿ ಟಾಪಿನ ಮೇಲೆ ಬೋರಲು ಬಿದ್ದರು. ಕೊನೆಗೆ ಎಣ್ಣೆ ಬಿಟ್ಟು, ಒಂದು ತಾಸು ಕಾದು, ಅದನ್ನೂ ಬಿಚ್ಚಿದ್ದಾಯಿತು.

ಆದರೂ ಕಂಬಿ ಮೇಲೇಳಲಿಲ್ಲ. ಅಡಿಯಲ್ಲಿ ಅಂಟು ಹಾಕಿದ್ದರು. ಬಿಸಿನೀರಿನಲ್ಲಿ ಅರಿವೆ ಅದ್ದಿ ಅದ್ದಿ ಕಾವು ಕೊಟ್ಟು, ನಸೀರುದ್ದೀನ ಜೇಬಿನಿಂದ ತನ್ನ ಗಾಳದ ದಾರ ತೆಗೆದ. ದಾರವನ್ನು ಕಂಬಿಯ ಕೆಳಗೆ ತೂರಿಸಿ, ಆ ಕಡೆ ಅವನು, ಈ ಕಡೆ ಮಾಸ್ತರರು, ಹಿಂದೆ ಮುಂದೆ ಎಳೆಯುತ್ತ ಅಂಟನ್ನು ಕೊಯ್ದರು. ಕಂಬಿ ತಾನಾಗಿ ಕೈಗೆ ಬಂತು. ಉಳಿದ ಅಂಟನ್ನು ಮಾಸ್ತರರು ದೇವಕ್ಕನ ಕೊಬ್ಬರಿ ಎಣ್ಣೆ ಹಚ್ಚಿ ಬೆರಳಿನಿಂದಲೇ ಉಜ್ಜಿ ತೆಗೆದರು. ತೂತುಗಳಿಗೆ ರಬ್ಬರಿನ ಬಿರಡೆ ಬಿತ್ತು. ಆಮೇಲೆ ಪ್ರಯೋಗಶಾಲೆಯ ಭೂತಗನ್ನಡಿ ಹಿಡಿದು ಇಡೀ ಟಾಪು ಪರೀಕ್ಷಿಸಿದರು. ಒಂದು ಗೀರಿಲ್ಲ, ಒಂದು ತಗ್ಗಿಲ್ಲ.

"ನನ್ನ ಬೇಟಿ ಶಾದ್ಯಾಗೂ ನಾ ಇಷ್ಟು ಹೆದರಿದ್ದಿಲ್ಲ ಮಾಸ್ತರ್ ಸಾಬ್" ಎಂದು ನಸೀರುದ್ದೀನ ಬೆವರು ಒರೆಸಿಕೊಂಡು, ಬಿಚ್ಚಿದ ಕಂಬಿಗಳನ್ನು ಗ್ಯಾರೇಜಿಗೆ ಹೊತ್ತುಕೊಂಡು ಹೋದ.

ಮರುದಿನ ಹಳ್ಳಿಗೆ ಹೋಗುವ ದಾರಿಯುದ್ದಕ್ಕೂ ದೇವಕ್ಕ ಕಿಟಕಿಯ ಕಡೆ ಮುಖ ತಿರುಗಿಸಿ ಕುಳಿತಿದ್ದಳು. ಮಾಸ್ತರರು ಮಾತ್ರ ಹಗುರಾಗಿದ್ದರು. ಅತ್ತೆಯ ಮುಂದೆ ಹೇಳಬೇಕಾದ ದುಃಖದ ಮಾತನ್ನು ಮೂರು ಸಲ ಬಾಯಿಪಾಠ ಮಾಡಿಕೊಂಡರು. ಮನೆಯ ಮುಂದೆ ಒಂದು ಕ್ರೂಸರ್ ಗಾಡಿ ನಿಂತಿತ್ತು. ಅದರ ಡ್ರೈವರ್ ಮುಂದಿನ ಗಾಜಿಗೆ ಚೆಂಡುಹೂವಿನ ಸರ ಕಟ್ಟುತ್ತಿದ್ದ. ಯಾರೋ ಬೀಗರು ಬಂದಿರಬೇಕು ಎಂದುಕೊಂಡು ಮಾಸ್ತರರು ಕಾರನ್ನು ಅದರ ಪಕ್ಕಕ್ಕೇ ನಿಲ್ಲಿಸಿದರು.

ದೇವಕ್ಕನ ತಮ್ಮ ಮಲ್ಲಣ್ಣ ಹೊರಗೆ ಬಂದವನು ಕಾರು ನೋಡಿ ಅಲ್ಲೇ ನಿಂತ. ಒಂದು ಸುತ್ತು ಹಾಕಿದ. ಟಾಪಿನ ಮೇಲೆ ಗೇಣು ಹಾಕಿ ಅಳೆದ.

"ಮಾಮಾ, ಕಂಬಿ ಎಲ್ಲಿ?"

"ತೆಗಿಬೇಕಾತಪ್ಪ" ಎಂದರು ಮಾಸ್ತರರು ಮುಖ ಸಣ್ಣದು ಮಾಡಿ. "ಏನು ಮಾಡೂದು, ಅಂಥ ಪ್ರಸಂಗ ಬಂತು. ತೊಟ್ಲ ಹೇರಾಕ..."

"ಅವ್ವಾ!" ಎಂದು ಮಲ್ಲಣ್ಣ ಓಣಿಗೇ ಕೇಳುವಂತೆ ಕೂಗಿದ. "ಕ್ರೂಸರ್ ಬ್ಯಾಡ, ವಾಪಸ್ ಕಳಸಬೇ! ತೊಟ್ಲಕ್ಕಂತ ಮಾಮಾ ಕಂಬೀನೇ ತೆಗಿಸ್ಕೊಂಡು ಬಂದಾರ!"

ಮಾಸ್ತರರಿಗೆ ಏನೂ ತಿಳಿಯಲಿಲ್ಲ. ಮಲ್ಲಣ್ಣ ಅವರ ಹೆಗಲ ಮೇಲೆ ಕೈ ಹಾಕಿ ತಿಳಿಸಿ ಹೇಳಿದ.

"ಹೋದ ಸಲ ನೀವು ಬಂದಾಗೇ ನಾ ಅಳತಿ ತಗೊಂಡಿದ್ದೆ ಮಾಮಾ. ತೊಟ್ಲದ ನಾಕೂ ಕಾಲು ಬರೋಬರಿ ಕಂಬಿ ಮ್ಯಾಲೇ ಬರ್ತಿದ್ವು. ಕಂಬಿ ದುಂಡ ಅವ, ಜಾರಿ ಬೀಳ್ತದ ಅಂತ ಕ್ರೂಸರ್‌ಗಿ ಹೇಳಿದ್ದೆ. ಕೂಸು, ತೊಟ್ಲ, ಬಾಣಂತಿ ಎಲ್ಲಾ ಅದರಾಗೇ ಹೋಗೂದಿತ್ತು, ಅಕ್ಕಗ ಹೇಳೂದು ಮರತಿದ್ವಿ. ನಿಮಗ ಬರೇ ಊಟಕ್ಕ ಕರದಿದ್ವಿ."

ಬರೇ ಊಟಕ್ಕೆ! ಮಾಸ್ತರರ ಕಣ್ಣೆದುರಿಗೇ ಕ್ರೂಸರಿನ ಡ್ರೈವರ್ ಚೆಂಡುಹೂವಿನ ಸರ ಬಿಚ್ಚಿ ಮಲ್ಲಣ್ಣನ ಕೈಗೆ ಕೊಟ್ಟು, ಗಾಡಿ ತಿರುಗಿಸಿಕೊಂಡು ಹೋದ. ಅದರ ಹಿಂದೆ ಓಡಿ ಹೋಗಿ ತಡೆಯಬೇಕೆನಿಸಿತು. ಅಷ್ಟರಲ್ಲಿ ಭಾಗಮ್ಮ ಸೆರಗಿನಿಂದ ಕಣ್ಣು ಒರೆಸಿಕೊಳ್ಳುತ್ತ ಬಂದರು.

"ಹೊಟ್ಟ್ಯಾಗ ಹುಟ್ಟಿದ ಮಗ ಇಷ್ಟು ಮಾಡಲ್ಲ ಅಳಿಯಾರ. ಕೂಸಿನ ತೊಟ್ಲಕ್ಕಂತ ಗಾಡೀನೇ ಬಿಚ್ಚಿಸೀರಿ."

"ನಿನ್ನಿ ಮಧ್ಯಾಹ್ನದಿಂದ ಸಂಜಿ ತನಕ ಬಿಸಲಾಗ ನಿಂತು ತೆಗಿಸ್ಯಾರಬೇ" ಎಂದಳು ದೇವಕ್ಕ. ಅವಳ ದನಿಯಲ್ಲಿ ನಿನ್ನೆಯ ಜಗಳದ ಗುರುತೇ ಇರಲಿಲ್ಲ. "ನನಗ ಸೈತ ಖರೆ ಹೇಳಲಿಲ್ಲ ನೋಡು. ಗಾಳಿ, ಎಣ್ಣಿ ಅಂತ ಏನೇನೋ ಹೇಳಿದ್ರು!" ಮದುವೆಯಾದ ಹನ್ನೆರಡು ವರ್ಷದಲ್ಲಿ ಅವಳು ಹೀಗೆ ತಮ್ಮನ್ನು ನೋಡಿದ್ದು ಮಾಸ್ತರರಿಗೆ ನೆನಪಿರಲಿಲ್ಲ. ಆ ನೋಟದ ಎದುರು ಸತ್ಯ ಹೇಳುವ ಧೈರ್ಯ ಅವರಿಗೆ ಬರಲಿಲ್ಲ.

"ಹಗ್ಗ ಎಲ್ಲಿ ಕಟ್ಟತೀರಿ?" ಎಂದು ಕೊನೆಯ ಅಸ್ತ್ರ ಬಿಟ್ಟರು.

"ಕಿಡಕಿ ಇಲ್ಲೇನು ಮಾಮಾ?"

ನಾಲ್ಕು ಜನ "ಹರಹರ ಮಹಾದೇವ" ಎಂದು ತೊಟ್ಟಿಲು ಎತ್ತಿ ಇಟ್ಟರು. ಕೆಳಗೆ ಒಂದು ಕೌದಿಯಾದರೂ ಹಾಸಿರಿ ಎಂದು ಮಾಸ್ತರರು ಅಂಗಲಾಚಿದರು. ಕೌದಿ ಹರಿದೀತೆಂದು ಭಾಗಮ್ಮ ಖಾಲಿ ಗೋಣಿಚೀಲ ಕೊಟ್ಟರು. ಅದು ಕಾಲುವೆಯ ಒಡ್ಡಿಗೆ ಮರಳು ತುಂಬಿಟ್ಟಿದ್ದ ಚೀಲ, ಇನ್ನೂ ಬೊಗಸೆ ಮರಳು ಅದರೊಳಗಿತ್ತು. ಹೆಂಗಸರು ಹಿಂದೆ, ಮಾಸ್ತರರೂ ಮಲ್ಲಣ್ಣನೂ ಮುಂದೆ ಕುಳಿತ ಮೇಲೆ, ಹಗ್ಗವನ್ನು ಮುಂದಿನ ಎರಡೂ ಕಿಟಕಿಯಲ್ಲಿ ತೂರಿಸಿ ತೊಟ್ಟಿಲಿಗೆ ಸುತ್ತಿ ಬಿಗಿದರು. ಹೊರಗಿನವರೊಬ್ಬರು ಬಾಗಿಲಿಗೆ ಕಾಲು ಕೊಟ್ಟು ಹಗ್ಗ ಜಗ್ಗಿದರು. ಟಾಪು 'ಟಪ್' ಎಂದಿತು. ಮಾಸ್ತರರು ಕಣ್ಣು ಮುಚ್ಚಿಕೊಂಡರು.

ಸುರಪುರದವರೆಗೆ ಅವರ ಕಿವಿಯೆಲ್ಲ ನೆತ್ತಿಯ ಮೇಲೇ ಇತ್ತು. ಕಾಲುವೆ ದಂಡೆಯ ಒಂದೊಂದು ಕುಣಿಗೂ ಸಾಗವಾನಿಯ ಕಾಲು ಮರಳಿನ ಮೇಲೆ 'ಕರ್' ಎಂದು ಸರಿಯುತ್ತಿತ್ತು. ಹಿಂದಿನ ಸೀಟಿನಲ್ಲಿ ಕೂಸು ಮಾತ್ರ ಆನಂದದಿಂದ ಕೇಕೆ ಹಾಕುತ್ತಿತ್ತು.

ಬೀಗರು ಅಯ್ಯಣ್ಣನವರ ಮನೆಯ ಮುಂದೆ ಕಾರು ನಿಂತಿತು. ಹಿಂದಿನ ಬಾಗಿಲಿನಿಂದ ಹೆಂಗಸರು ಇಳಿದರು. ಸಣಕಲು ಮೈಯ ಮಲ್ಲಣ್ಣ ಸೀಟುಗಳ ನಡುವೆ ನುಸುಳಿ ಹಿಂದಿನಿಂದ ಇಳಿದ. ಮಾಸ್ತರರ ಹೊಟ್ಟೆ ನುಸುಳುವ ಹೊಟ್ಟೆಯಲ್ಲ. ಬಾಗಿಲಿಗೆ ಹಗ್ಗ ಬಿಗಿದಿತ್ತು. ಕೂಸಿಗೂ ತೊಟ್ಟಿಲಿಗೂ ಆರತಿಯಾಗುವ ತನಕ ಗಂಟು ಬಿಚ್ಚುವಂತಿಲ್ಲವೆಂದು ಬೀಗತಿ ಹೇಳಿದರು. ಹೀಗಾಗಿ ಮಾಸ್ತರರ ಸತ್ಕಾರ ಕಿಟಕಿಯಿಂದಲೇ ನಡೆಯಿತು. ಕಿಟಕಿಯಿಂದಲೇ ಹಣೆಗೆ ವಿಭೂತಿ ಬಂತು, ಹೆಗಲಿಗೆ ಶಲ್ಯ ಬಂತು. ದೇವಕ್ಕ ಕಂಬಿ ತೆಗೆಸಿದ ಕಥೆಯನ್ನು ಓಣಿಯ ಹೆಂಗಸರಿಗೆಲ್ಲ ಮೊದಲಿಂದ ಹೇಳಿದಳು. ಈಗ ಅದರಲ್ಲಿ ಮಾಸ್ತರರು ಒಂದಿಡೀ ದಿನ ಉಪವಾಸವಿದ್ದರು.

"ಇಂಥ ಬೀಗರು ಸಿಗಬೇಕಂದ್ರ ಪುಣ್ಯಾ ಮಾಡಿರಬೇಕ್ರಿ" ಎಂದು ಅಯ್ಯಣ್ಣನವರು ಟಾಪಿನ ಮೇಲೆ ಅಂಗೈಯಿಂದ ಬಡಿದರು. "ಮುಂದಿನ ಸೋಮವಾರ ನಮ್ಮ ಮಗಳನ್ನ ಗುರುಮಠಕಲ್ಲಿಗಿ ಕಳಸೂದದ. ಆಕಿ ತೊಟ್ಲ ಇದಕ್ಕಿಂತ ಅಗಲ. ಯಾವ ಗಾಡಿ ಮ್ಯಾಲೂ ಕುಂದರವಲ್ದಾಗಿತ್ತು. ನಿಮ್ಮ ಟಾಪು ಸಪಾಟ ಅದ ನೋಡ್ರಿ, ಅಂಗಳ ಇದ್ದಂಗ!"

ಈಗ ಸತ್ಯ ಹೇಳಿಯೇ ತೀರುತ್ತೇನೆಂದು ಮಾಸ್ತರರು ದೊಡ್ಡದಾಗಿ ಬಾಯಿ ತೆರೆದರು. ತೆರೆದ ಬಾಯಿಗೆ ಬೀಗತಿ ಕಿಟಕಿಯೊಳಗೆ ಕೈ ಹಾಕಿ ಇಡೀ ಶೇಂಗಾ ಉಂಡಿ ತುರುಕಿದರು.

"ಬರ್ತಾರ್ರಿ, ಬರದೇನು" ಎಂದಳು ದೇವಕ್ಕ. "ಇಂಥ ಕೆಲಸ ಅಂದ್ರ ಜೀವಾನೇ ಕೊಡ್ತಾರ."

ಉಂಡಿ ಗಟ್ಟಿಯಾಗಿತ್ತು. ಅದನ್ನು ಅಗಿದು ನುಂಗುವಷ್ಟರಲ್ಲಿ ಆರತಿ ಮುಗಿದಿತ್ತು, ತೊಟ್ಟಿಲು ಇಳಿದಿತ್ತು, ಸೋಮವಾರ ಎಷ್ಟು ಹೊತ್ತಿಗೆ ಹೊರಡುವುದೆಂದೂ ನಿಶ್ಚಯವಾಗಿತ್ತು. ಹೊಸ ತೊಟ್ಟಿಲಿಗೆ ಅಳತೆ ತೆಗೆಯಲೆಂದು ಮಲ್ಲಣ್ಣ ಟಾಪಿನ ಮೇಲೆ ಹತ್ತಿ ಈ ತುದಿಯಿಂದ ಆ ತುದಿಗೆ ಹೆಜ್ಜೆ ಹಾಕುತ್ತಿದ್ದ, ಚಪ್ಪಲಿ ಸಮೇತ.