ನನ್ನ ನೆಲಮಾಳಿಗೆಯ ಬೂಷ್ಟು ತೊಳೆಸಿದ ಮಹನೀಯರಿಗೆ

ಪರಮ ಶುಚಿರ್ಭೂತರಾದ ಆಹಾರ ತಪಾಸಣಾಧಿಕಾರಿಗಳೇ, ಮಾನ್ಯರೇ,

ತೂರೇನ್ ಸೀಮೆಯ ನಲವತ್ತೆರಡು ಮೇಕೆಗಳೂ ಅವುಗಳ ಹಾಲಿನಿಂದ ಸೇಂತ್-ಮೋರ್ ಚೀಸ್ ಮಾಡುವ ಒಬ್ಬ ಮುದುಕಿಯೂ ತಮಗೆ ತಲೆಬಾಗಿ ಮಾಡುವ ವಂದನೆಗಳು.

ಕಳೆದ ಮಾರ್ಚಿನಲ್ಲಿ ತಾವು ಬೂಟಿನ ಮೇಲೆ ನೀಲಿ ಪ್ಲಾಸ್ಟಿಕ್ ಚೀಲ ತೊಟ್ಟು ನಮ್ಮ ನೆಲಮಾಳಿಗೆಗೆ ಇಳಿದು, ನನ್ನಜ್ಜಿಯ ಕಾಲದಿಂದ ಗೋಡೆ ಹಿಡಿದು ಕೂತಿದ್ದ ಬೂದುಬಣ್ಣದ ಬೂಷ್ಟನ್ನು ಮುಟ್ಟಿ ನೋಡಿ, "ಏನಮ್ಮಾ ಇದು, ಇಷ್ಟೊಂದು ಗಲೀಜು?" ಎಂದು ಕೇಳುವ ಕೃಪೆ ಮಾಡಿದಿರಿ. "ಇಲ್ಲಿ ಯಜಮಾನರು ಈ ಬೂಷ್ಟಿನವರೇ ಸ್ವಾಮಿ, ನಾನು ಬರೀ ಕೆಲಸದವಳು" ಎಂದೆ. ತಾವು ಅದನ್ನು ತಮಾಷೆಯೆಂದು ತಿಳಿದು, ಬ್ಲೀಚಿಂಗ್ ನೀರಿನಲ್ಲಿ ಗೋಡೆಗಳನ್ನು ಮೂರು ಸಲ ತೊಳೆಸಿ, ಕೈ ಒರೆಸಿಕೊಂಡು ಹೊರಟಿರಿ.

ಆಹಾ, ಎಂಥ ಶುಭ್ರತೆ! ಅಂದಿನಿಂದ ಬೂದಿ ಬಳಿದು, ನಡುವೆ ಹುಲ್ಲುಕಡ್ಡಿ ತೂರಿಸಿ ಹಲಗೆಯ ಮೇಲಿಟ್ಟ, ಒಂದು ತುದಿ ಸಪೂರವಾದ ನನ್ನ ಉದ್ದುದ್ದ ಚೀಸುಗಳಿಗೆ, ಗೋಡೆಯಿಂದ ಹಬ್ಬಬೇಕಾದ ಬೂಷ್ಟಿನ ಹೊದಿಕೆಯೇ ಮೈಮೇಲೆ ಬರಲಿಲ್ಲ. ಬೋಳಾಗಿ, ಲೋಳೆ ಲೋಳೆಯಾಗಿ, ಕಪ್ಪೆಯ ಬೆನ್ನಿನಂತಾದವು. ಶನಿವಾರದ ಸಂತೆಯಲ್ಲಿ ರೊಟ್ಟಿ ಅಂಗಡಿಯ ಫುಲ್ಬೆರ್ ಒಂದನ್ನು ಎತ್ತಿ ನೋಡಿ, "ಏನ್ ಮದಾಂ, ಇದಕ್ಕೇನು ಜ್ವರ ಬಂದಿತ್ತಾ?" ಎಂದ. ಮೂರು ತಲೆಮಾರಿನ ಹೆಸರು ಒಂದು ನಗೆಯಲ್ಲಿ ಮಣ್ಣುಪಾಲಾಯಿತು. ನನಗೆ ಅಳು ಬಂತು.

ಆದ್ದರಿಂದ ಆಗಲೇ ಪತ್ರ ಬರೆದು ತಮ್ಮನ್ನು ವಿನಮ್ರವಾಗಿ ಕೋರಿದ್ದೆ: ತಾವು ಓಡಿಸಿದ ಆ ಯಜಮಾನರನ್ನು ತಾವೇ ಹುಡುಕಿ ಕರೆತರಬೇಕು. ವಿಳಾಸ ಸಿಗದಿದ್ದರೆ ಪತ್ರಿಕೆಯಲ್ಲಿ ಜಾಹೀರಾತು ಕೊಡಿಸಬೇಕು. ಅದೂ ಆಗದಿದ್ದರೆ ತಾವೇ ನನ್ನ ಹಲಗೆಯ ಮೇಲೆ ಮೂರು ವಾರ ಪವಡಿಸಬೇಕು, ದಿನಕ್ಕೊಮ್ಮೆ ಮಗ್ಗುಲು ಬದಲಿಸುವ ಹೊಣೆ ನನ್ನದು.

ಆ ಪತ್ರಕ್ಕೆ ತಮ್ಮ ಉತ್ತರ ಬರಲಿಲ್ಲವಾಗಿ ನಾನು ನನ್ನ ಅತ್ತಿಗೆ ಜೊಸೆಟ್‌ಳ ಬಾಗಿಲಿಗೆ ಹೋಗಬೇಕಾಯಿತು. ಅವಳಿಗೂ ನನಗೂ ಹನ್ನೊಂದು ವರ್ಷದಿಂದ ಮಾತಿರಲಿಲ್ಲ. ನನ್ನಣ್ಣನನ್ನು ಮಣ್ಣುಮಾಡಿ ಬಂದ ದಿನ ಊಟದ ಮೇಜಿನಲ್ಲಿ ಅವಳು ಚೀಸನ್ನು ಸಣ್ಣ ತುದಿಯಿಂದ ಕೊಯ್ದಳು. ಹಾಗೆ ಕೊಯ್ದರೆ ಮೇಕೆಯ ಮೊಲೆಯನ್ನೇ ಕೊಯ್ದಂತೆ, ಹಾಲು ಬತ್ತುತ್ತದೆ ಎನ್ನುವುದು ನಮ್ಮಲ್ಲಿ ಮಕ್ಕಳಿಗೂ ಗೊತ್ತು. ಗಂಡನನ್ನು ಕಳೆದುಕೊಂಡವಳಿಗೆ ತುದಿ ಯಾವುದೆಂಬ ಗಮನ ಎಲ್ಲಿಂದ ಬರಬೇಕೆಂದು ಯೋಚಿಸದೆ, ಎಲ್ಲರೆದುರು ಬೈದೆ. ತಪ್ಪು ನನ್ನದೇ.

"ಬಂದ್ಯಾ? ನೀನು ಬರೋಕೆ ಗೋಡೆ ಬೋಳಾಗ್ಬೇಕಿತ್ತಾ?" ಎಂದಳು. ಅವಳ ಮದುವೆಯಲ್ಲಿ ನಮ್ಮಮ್ಮ, ಅವರು ಬೇರೆ ಹೂಡಲಿದ್ದ ಮನೆಯ ಹೊಸ ನೆಲಮಾಳಿಗೆಗೆ ಬೂಷ್ಟಿನ ಹೆಪ್ಪು ಹಾಕಲೆಂದು ಹಣ್ಣಾದ ಚೀಸೊಂದನ್ನು ಮಡಿಲಿಗೆ ಹಾಕಿ ಕಳಿಸಿದ್ದಳು. "ತಗೋ. ಇದು ನಿಮ್ಮಮ್ಮನದ್ದೇ, ನಾನು ಕಾಯ್ಕೊಂಡಿದ್ದೆ ಅಷ್ಟೆ" ಎಂದು ಬೂಷ್ಟು ಹಿಡಿದ ನಾಲ್ಕು ಚೀಸುಗಳನ್ನು ಕೈಗಿತ್ತಳು. ಮೂರು ವಾರಕ್ಕೆ ನನ್ನ ಗೋಡೆ ಮತ್ತೆ ಬೂದುಬಣ್ಣಕ್ಕೆ ತಿರುಗಿದೆ.

ತಮ್ಮ ಗಲೀಜು ವಿಶ್ವಾಸಿ,
ಸೊಲಾಂಜ್ ಬರಿಲ್ಯೊ

ತಾಜಾಕಲಮು: ಮಂಗಳವಾರ ಮರುತಪಾಸಣೆಗೆ ಬರುವುದಾಗಿ ತಿಳಿಸಿದ್ದೀರಿ, ಸಂತೋಷ. ಹೋದ ಸಲ ನಾನೊಬ್ಬಳೇ ಇದ್ದೆನಾದ್ದರಿಂದ ತಮಗೆ ದಾರಿ ಬಿಟ್ಟೆ. ಈಗ ಜೊಸೆಟ್ ನೆಲಮಾಳಿಗೆಯ ಬಾಗಿಲಿಗೆ ಅಡ್ಡಲಾಗಿ ಕುರ್ಚಿ ಹಾಕಿಕೊಂಡು ಕೂತಿದ್ದಾಳೆ. ಅವಳಿಗೆ ನನ್ನಷ್ಟು ವಿನಯವಿಲ್ಲ.