ಬೀಗರ ಹಾರ್ಟಿಗೊಂದು ಕೈಮ ಉಂಡೆ

ಒಂದೇ ಒಂದು ಕೈಮ ಉಂಡೆ ಕಡಿಮೆ ಬಿದ್ದದ್ದಕ್ಕೆ ದೊಮ್ಮಲೂರಿನ ರಾಮಾಂಜಿನಪ್ಪನವರು ಒಂದು ವರ್ಷದಿಂದ ಬೀಗರ ಮುಖ ನೋಡಿರಲಿಲ್ಲ.

ಮಗಳು ಹಂಸಳ ಮದುವೆಯ ಬೀಗರೂಟದಲ್ಲಾದ ಎಡವಟ್ಟು ಅದು. ಹೆಂಡತಿ ಮುನಿರತ್ನಮ್ಮ ಮುಂದೆ ನಿಂತು ಮಾಡಿಸಿದ್ದ ಮಟನ್ ಕೈಮ ಉಂಡೆಯ ಸಾರು. ಕಾಯಿಹಾಲು, ಗೋಡಂಬಿ, ಗಸಗಸೆ ಬಿದ್ದು ಕೆನೆ ಕಟ್ಟುವಷ್ಟು ಗಟ್ಟಿ. ಬಡಿಸುತ್ತಾ ಬಂದ ಬಕೆಟ್ಟು ಹುಡುಗನ ಅಪ್ಪ ಪೀರಪ್ಪನವರ ಎಲೆಯ ಮುಂದೆ ಬರುವ ಹೊತ್ತಿಗೆ ಅದರಲ್ಲಿ ಸಾರಿತ್ತು, ಉಂಡೆ ಇರಲಿಲ್ಲ. “ಹುಡುಗನ ಅಪ್ಪಂಗೆ ಬರೀ ಸಾರಾ?” ಎಂದು ಎದ್ದ ಪೀರಪ್ಪನವರು ಕೈ ತೊಳೆದು ಕೃಷ್ಣರಾಜಪುರದ ಮನೆ ಸೇರಿದವರು ಮತ್ತೆ ದೊಮ್ಮಲೂರಿನ ಕಡೆ ತಲೆ ಹಾಕಲಿಲ್ಲ. ಹಂಸ ಹಬ್ಬಕ್ಕೆಂದು ತವರಿಗೆ ಬಂದರೂ ಒಬ್ಬಳೇ ಬಂದು, ಕತ್ತಲಾಗುವ ಮುಂಚೆ ಒಬ್ಬಳೇ ಹೊರಟುಬಿಡುತ್ತಿದ್ದಳು. ಅವಳ ಬೆನ್ನು ನೋಡಿದಾಗಲೆಲ್ಲ ರಾಮಾಂಜಿನಪ್ಪನವರಿಗೆ ಆ ಖಾಲಿ ಬಕೆಟ್ಟೇ ಕಣ್ಣ ಮುಂದೆ ಬರುತ್ತಿತ್ತು.

ಹೀಗಿರುವಾಗ ಒಂದು ಭಾನುವಾರ ಬೆಳಿಗ್ಗೆ ಎಂಟು ಗಂಟೆಗೆ ಹಂಸಳ ಫೋನು ಬಂತು.

“ಅಪ್ಪಾ, ಮಾವ ಇವತ್ತು ಮಧ್ಯಾಹ್ನ ಊಟಕ್ಕೆ ಅಲ್ಲಿಗೆ ಬರ್ತಾವ್ರೆ.”

ರಾಮಾಂಜಿನಪ್ಪನವರ ಬಾಯಲ್ಲಿದ್ದ ಹಲ್ಲುಜ್ಜುವ ಬ್ರಷ್ಷು ಹಾಗೇ ನಿಂತಿತು. “ನಿಜವಾ? ಅವರಾಗೆ ಅವರೇ?”

“ಅವರಾಗೆ ಅವರೇ. ಕೈಮ ಉಂಡೆನೇ ಮಾಡ್ಬೇಕು. ಆದ್ರೆ ಒಂದ್ ವಿಷ್ಯ ಅಪ್ಪಾ, ಹಾರ್ಟಿಂದು ಸ್ವಲ್ಪ ತೊಂದ್ರೆ ಅಂತ ಡಾಕ್ಟ್ರು ಹೇಳವ್ರೆ. ತುಪ್ಪ, ಕೆನೆ, ಕಾಯಿ ಒಂದೂ ಹಾಕಂಗಿಲ್ಲ. ಲೈಟಾಗಿ ಮಾಡು. ಮಾವನ ಜೊತೆ ಕೂತು ನೀನೂ ಅದನ್ನೇ ತಿನ್ನು. ಹಾರ್ಟಿನ ಮಾತು ಮಾತ್ರ ಎತ್ಬೇಡ, ಅವ್ರು ಬೇಜಾರ್ ಮಾಡ್ಕೋತಾರೆ.”

“ನಿಮ್ಮಮ್ಮ ಇಲ್ವಲ್ಲೇ! ನಾಮಕರಣ ಅಂತ ಹೊಸಕೋಟೆಗೆ ಹೋಗವ್ಳೆ.”

“ನೀನೇ ಮಾಡಪ್ಪ. ಹೆಂಗೆ ಅಂತ ವಾಟ್ಸಪ್ಪಲ್ಲಿ ಕಳಿಸಿದೀನಿ ನೋಡು,” ಎಂದು ಹಂಸ ಫೋನಿಟ್ಟಳು.

ರಾಮಾಂಜಿನಪ್ಪನವರು ಅರವತ್ತೊಂದು ವರ್ಷದಲ್ಲಿ ಒಲೆಯ ಮೇಲೆ ಇಟ್ಟದ್ದು ಟೀಗೆ ನೀರು ಮಾತ್ರ. ಅದನ್ನೂ ಒಂದೆರಡು ಸಲ ಸೀಯಿಸಿದ್ದರು. ಕನ್ನಡಕ ಹಾಕಿಕೊಂಡು ಮೆಸೇಜು ಓದಿದರು. ಕೊಬ್ಬಿಲ್ಲದ ಕೈಮ. ಹುರಿಗಡಲೆ ಬದಲು ಓಟ್ಸ್. ಎಣ್ಣೆಯಲ್ಲಿ ಕರಿಯದೆ ಇಡ್ಲಿ ಪಾತ್ರೆಯಲ್ಲಿ ಹಬೆ. ಕಾಯಿ, ಗೋಡಂಬಿಯ ಬದಲು ಬೇಯಿಸಿ ಅರೆದ ಸೋರೆಕಾಯಿ, ಕಡೆಯಲ್ಲಿ ಕೆನೆ ತೆಗೆದ ಮೊಸರು. ಓದಿ ಮುಗಿಸುವಷ್ಟರಲ್ಲಿ ಅವರಿಗೆ ಬೀಗರ ಮೇಲೆ ನಿಜವಾಗಿಯೂ ಕನಿಕರ ಹುಟ್ಟಿತು.

ಮಟನ್ ಅಂಗಡಿಯವನಿಗೆ, “ಒಂದು ಕೇಜಿ ಕೈಮ, ಒಂದ್ ಚೂರೂ ಕೊಬ್ಬು ಇರಬಾರ್ದು” ಎಂದರೆ, ಅವನು ಕತ್ತಿ ಕೆಳಗಿಟ್ಟು, “ಹಂಗಾದ್ರೆ ಪಕ್ಕದ್ ಸೊಪ್ಪಿನಂಗಡಿಗೆ ಹೋಗಿ ಸಾರ್” ಎಂದ.

ಮನೆಗೆ ಬಂದರೆ ಅಡುಗೆಮನೆಯ ಬಾಗಿಲಲ್ಲಿ ಅವರ ತಾಯಿ, ಎಂಬತ್ತನಾಲ್ಕರ ಪಟಾಲಮ್ಮ, ಸ್ಟೂಲು ಹಾಕಿಕೊಂಡು ಕೂತಿದ್ದರು. ಹಿಂದೆ ದೊಮ್ಮಲೂರು ಹಳ್ಳಿಯಾಗಿದ್ದ ಕಾಲದಲ್ಲಿ ಇಪ್ಪತ್ತು ಆಳಿಗೆ ಒಂದೇ ಕೈಯಲ್ಲಿ ಅಡುಗೆ ಮಾಡಿದ ಹೆಂಗಸು. ಮಗ ಇಡ್ಲಿ ತಟ್ಟೆಗೆ ಉಂಡೆ ಜೋಡಿಸುವುದನ್ನು ನೋಡಿ ಅವರಿಗೆ ತಡೆಯಲಾಗಲಿಲ್ಲ.

“ಲೇ ರಾಮಾಂಜಿ, ಇಡ್ಲಿ ಪಾತ್ರೇಲಿ ಮಟನ್ ಇಟ್ಟೋನು ನಮ್ಮ ವಂಶದಲ್ಲೇ ನೀನೊಬ್ನೆ ಕಣೋ.”

“ಬೀಗ್ರಿಗೆ ಹಾರ್ಟ್ ತೊಂದ್ರೆ ಕಣಮ್ಮ.”

“ಇಂಥಾದ್ ತಿಂದ್ರೆ ಇನ್ನೂ ಜಾಸ್ತಿ ಆಗ್ತದೆ.”

ಕಾಲು ಗಂಟೆಯ ಮೇಲೆ ಮುಚ್ಚಳ ತೆಗೆದರೆ ಹದಿನಾರು ಉಂಡೆಗಳೂ ಜಾತಿಭೇದ ಮರೆತು ಒಂದಾಗಿ ಹೋಗಿದ್ದವು. ತಟ್ಟೆಯ ತೂತುಗಳಿಂದ ಕೈಮ ಶಾವಿಗೆಯ ಹಾಗೆ ಕೆಳಗಿಳಿದಿತ್ತು. ರಾಮಾಂಜಿನಪ್ಪನವರು ಅದನ್ನು ಸದ್ದಿಲ್ಲದೆ ಬೀದಿನಾಯಿಗೆ ದಾನ ಮಾಡಿ, ಉಳಿದ ಅರ್ಧ ಕೇಜಿಗೆ ಓಟ್ಸ್ ಜಾಸ್ತಿ ಸುರಿದು, ಮತ್ತೆ ಹತ್ತು ಉಂಡೆ ಕಟ್ಟಿದರು. ಈ ಸಲ ಅವು ಉಂಡೆಯಾಗಿಯೇ ಉಳಿದವು. ಬಣ್ಣ ಮಾತ್ರ ಒದ್ದೆ ಸಿಮೆಂಟಿನದು. ಸೋರೆಕಾಯಿಯ ಸಾರು ತೆಳ್ಳಗೆ, ಹಸಿರಾಗಿ, ಹಲಸೂರು ಕೆರೆಯಂತೆ ಕುದಿಯುತ್ತಿತ್ತು.

ವಾಸನೆ ಹಿಡಿದು, ಅಥವಾ ವಾಸನೆ ಇಲ್ಲದ್ದನ್ನು ಹಿಡಿದು, ಎದುರುಮನೆಯ ಅಂಬಣ್ಣ ಬಂದ. ಕಾರ್ಖಾನೆಯೊಂದರ ಕ್ಯಾಂಟೀನಿನಲ್ಲಿ ಮೂವತ್ತು ವರ್ಷ ಸೌಟು ಹಿಡಿದು ನಿವೃತ್ತನಾದವನು. ಅಂಗೈಗೆ ಒಂದು ಹನಿ ಹಾಕಿಕೊಂಡು ನೆಕ್ಕಿದ.

“ಇದೇನ್ ಗುರು, ಜ್ವರ ಬಂದೋರಿಗಾ?”

ರಾಮಾಂಜಿನಪ್ಪನವರು ಎಲ್ಲ ಹೇಳಿದರು. ಅಂಬಣ್ಣ ಸೌಟು ತೆಗೆದುಕೊಂಡು ಸಾರನ್ನು ಒಂದು ಸುತ್ತು ಕೆದಕಿದ. ಆಮೇಲೆ ಮೆಲ್ಲಗೆ, “ಕೊತ್ತಂಬ್ರಿ ಇಲ್ವಲ್ಲ? ಹೋಗಿ ತಗೊಂಡ್ ಬಾ. ತಳ ಹತ್ತದಂಗೆ ನಾನ್ ನೋಡ್ಕೋತೀನಿ” ಎಂದ.

ಕೊತ್ತಂಬರಿ ತಂದು ನೋಡಿದರೆ ಸಾರಿನ ಮೇಲೆ ಒಂದು ಬಗೆಯ ಹೊಳಪು ಬಂದಿತ್ತು.

“ಏನ್ ಅಂಬಣ್ಣ, ಹೊಳೀತಾ ಐತೆ?”

“ಓಟ್ಸು ಬೆಂದ್ರೆ ಜಿಡ್ಡು ಬಿಡ್ತದೆ,” ಎಂದು ಅಂಬಣ್ಣ ಅವಸರದಲ್ಲಿ ಹೊರಟ.

ಅಷ್ಟರಲ್ಲಿ ಕೆಳಗಿನ ಬಾಡಿಗೆ ಮನೆಯ ಸಾಬಿರಾ ಮುಚ್ಚಿದ ಬಟ್ಟಲೊಂದನ್ನು ಸೆರಗಿನಡಿ ಹಿಡಿದು ಮೇಲೆ ಬಂದಳು. ಅವಳ ಗಂಡನದು ಶಿವಾಜಿನಗರದಲ್ಲಿ ಬಟ್ಟೆ ಅಂಗಡಿ. ಅವಳ ಕೈಯ ಕೋಫ್ತಾಕ್ಕೆ ಇಡೀ ಬೀದಿಯಲ್ಲಿ ಹೆಸರು. “ಅಜ್ಜಿ ಎಲ್ಲಾ ಹೇಳಿದ್ರು ಅಣ್ಣಾ” ಎನ್ನುತ್ತಾ ಚಮಚದ ತುದಿಯಲ್ಲಿ ರುಚಿ ನೋಡಿದಳು. ಕಣ್ಣಲ್ಲಿ ನೀರಾಡಿತು.

“ಅರೆ ಅಣ್ಣಾ, ನಮ್ ಹಂಸ ಅವರ ಮನೇಲಿ ಬಾಳ್ಬೇಕಲ್ಲಾ!”

“ಏನ್ ಮಾಡೋದಮ್ಮಾ, ಅವ್ರ ಪ್ರಾಣ ಮುಖ್ಯ ಅಲ್ವಾ?”

“ಹೌದು ಹೌದು. ನೀವು ಹೋಗಿ ಸ್ನಾನ ಮಾಡ್ಕೊಂಡ್ ಬನ್ನಿ, ಮೈಯೆಲ್ಲಾ ಓಟ್ಸ್ ಆಗಿದೆ. ಮೊಸರು ನಾನ್ ಹಾಕ್ತೀನಿ. ಗೊತ್ತಿಲ್ದೋರು ಹಾಕಿದ್ರೆ ಒಡೆದ್ ಹೋಗುತ್ತೆ.”

ಸ್ನಾನ ಮುಗಿಸಿ ಬರುವಷ್ಟರಲ್ಲಿ ಕೆರೆಯ ನೀರಿನಂತಿದ್ದ ಸಾರು ಹಾಲಿನ ಕೆನೆಯ ಬಣ್ಣಕ್ಕೆ ತಿರುಗಿತ್ತು. ಸಾಬಿರಾ ಖಾಲಿ ಬಟ್ಟಲು ಹಿಡಿದು ಮೆಟ್ಟಿಲಿಳಿಯುತ್ತಿದ್ದಳು. ಮೊಸರಿಗೆ ಇಷ್ಟು ಶಕ್ತಿ ಇದೆಯೆಂದು ರಾಮಾಂಜಿನಪ್ಪನವರಿಗೆ ಗೊತ್ತಿರಲಿಲ್ಲ.

ಅವರು ಕೋಣೆಯಲ್ಲಿ ಪಂಚೆ ಉಡುತ್ತಿದ್ದಾಗ ಅಡುಗೆಮನೆಯಲ್ಲಿ ಮಿಕ್ಸಿ ಗರ್ರೆಂದಿತು.

“ಏನಮ್ಮಾ ಅದು?”

“ನಂಗೆ ಚಟ್ನಿ ಕಣೋ. ನೀನ್ ಮಾಡಿರೋದನ್ನ ನಾನ್ ತಿನ್ನಲ್ಲ.”

ಹನ್ನೆರಡೂ ಮುಕ್ಕಾಲಿಗೆ ಅವರು ಹೆದರುತ್ತಾ ಮುಚ್ಚಳ ಎತ್ತಿ ಅರ್ಧ ಚಮಚ ಬಾಯಿಗೆ ಹಾಕಿಕೊಂಡರು. ಹಾಗೇ ಗೋಡೆಗೊರಗಿ ನಿಂತರು. ಮುನಿರತ್ನಮ್ಮನ ಸಾರೂ ಇದರ ಮುಂದೆ ನಿಲ್ಲುವಂತಿರಲಿಲ್ಲ. ಮೂವತ್ತೈದು ವರ್ಷ ಈ ಮನೆಯಲ್ಲಿ ಸುಮ್ಮನೆ ತೆಂಗಿನಕಾಯಿ ಒಡೆದೆವಲ್ಲಾ, ಬರೀ ಸೋರೆಕಾಯಿಗೆ ಈ ಯೋಗ್ಯತೆ ಇತ್ತಲ್ಲಾ ಎಂದು ಅವರ ಎದೆ ಉಬ್ಬಿತು. ಇನ್ನೊಂದು ಚಮಚ ಹಾಕಿಕೊಳ್ಳುವಷ್ಟರಲ್ಲಿ ಕೆಳಗೆ ಆಟೋ ನಿಂತ ಸದ್ದಾಯಿತು.

ಅವರು ಓಡಿ ಇಳಿದರು. ಪೀರಪ್ಪನವರು ಅಷ್ಟೇ ವೇಗದಲ್ಲಿ ಓಡಿ ಬಂದು ಅವರ ಎರಡೂ ತೋಳು ಹಿಡಿದುಕೊಂಡರು.

“ಅಯ್ಯೋ ಬೀಗ್ರೇ, ನೀವ್ ಯಾಕ್ ಇಳಿದ್ ಬಂದ್ರಿ! ನಿಧಾನ, ನಿಧಾನ.”

“ನೀವೂ ನಿಧಾನ ಬೀಗ್ರೇ. ಅವಸರ ಇಲ್ಲ.”

ಒಬ್ಬರ ಮೊಣಕೈ ಇನ್ನೊಬ್ಬರು ಹಿಡಿದು ಇಬ್ಬರೂ ಮೆಟ್ಟಿಲು ಹತ್ತಿದರು. ನಾಲ್ಕು ಮೆಟ್ಟಿಲಿಗೊಮ್ಮೆ ಪೀರಪ್ಪನವರು ನಿಂತು, “ಸ್ವಲ್ಪ ಉಸಿರು ತಗೊಳ್ಳಣ” ಎನ್ನುತ್ತಿದ್ದರು. ಪಾಪ, ಹತ್ತಲಾಗುತ್ತಿಲ್ಲ, ಆದರೂ ಬಾಯಿಬಿಟ್ಟು ಹೇಳುತ್ತಿಲ್ಲ ಎಂದು ರಾಮಾಂಜಿನಪ್ಪನವರ ಕರುಳು ಚುರ್ರೆಂದಿತು. ಮೇಲೆ ಬಂದ ಮೇಲೆ ಫ್ಯಾನಿನ ಕೆಳಗಿದ್ದ ಒಂದೇ ಕುರ್ಚಿಗೆ ಇಬ್ಬರೂ ಒಬ್ಬರನ್ನೊಬ್ಬರು ತಳ್ಳಿದರು. ಕೊನೆಗೆ ಇಬ್ಬರೂ ಚಾಪೆಯ ಮೇಲೆ ಕೂತರು.

ಪಟಾಲಮ್ಮ ಬಿಸಿ ಮುದ್ದೆ ಇಟ್ಟರು. ರಾಮಾಂಜಿನಪ್ಪನವರು ತಮ್ಮ ಕೈಯಾರೆ ಬೀಗರ ತಟ್ಟೆಗೆ ಒಂದಲ್ಲ, ಮೂರು ಉಂಡೆ ಬಡಿಸಿ, ತಮಗೆ ಎರಡು ಹಾಕಿಕೊಂಡರು. ಪೀರಪ್ಪನವರು ಒಂದನ್ನು ಮುರಿದು, ಸಾರಿನಲ್ಲಿ ಹೊರಳಿಸಿ, ಬಾಯಿಗಿಟ್ಟು ಕಣ್ಣು ಮುಚ್ಚಿದರು. ತೆರೆಯಲು ಬಹಳ ಹೊತ್ತಾಯಿತು.

“ಬೀಗ್ರೇ, ಇದು ಲೈಟಾ?”

“ಫುಲ್ ಲೈಟು ಬೀಗ್ರೇ. ಹೂವಿನಷ್ಟು.”

“ನಂಬಕಾಗಲ್ಲ ಕಣ್ರೀ!” ಮೂರು ಮುಗಿದವು. ನಾಲ್ಕನೆಯದೂ ಹೋಯಿತು. ಪೀರಪ್ಪನವರ ಮುಖದ ಒಂದು ವರ್ಷದ ಗಂಟು ಸಡಿಲವಾಗಿ, “ಹಂಸನ್ನೂ ಹುಡುಗನ್ನೂ ಬರೋ ಹಬ್ಬಕ್ಕೆ ಒಟ್ಟಿಗೆ ಕಳಿಸ್ತೀನಿ, ನಾಲ್ಕ್ ದಿನ ಇರ್ಲಿ” ಎಂಬ ಮಾತು ಹೊರಬಿತ್ತು. ರಾಮಾಂಜಿನಪ್ಪನವರ ಕಣ್ಣು ಒದ್ದೆಯಾಯಿತು. ಅವರು ತಮ್ಮ ಮೊದಲ ಉಂಡೆಯನ್ನು ಕೈಗೆತ್ತಿಕೊಂಡರು.

ಆಗ ಬಾಗಿಲಲ್ಲಿ ಅಂಬಣ್ಣನ ತಲೆ ಕಂಡಿತು. ಅವನು ಸನ್ನೆ ಮಾಡಿ ಹೊರಗೆ ಕರೆದ. ರಾಮಾಂಜಿನಪ್ಪನವರು ಉಂಡೆಯನ್ನು ತಟ್ಟೆಗೇ ಇಟ್ಟು ಎದ್ದು ಹೋದರು.

“ಹೆಂಗೆ? ಬೀಗ್ರು ಮೆತ್ತಗಾದ್ರಾ? ನಾನ್ ಹಾಕಿದ್ ತುಪ್ಪ ಕೆಲ್ಸ ಮಾಡ್ತಾ?”

“ಯಾವ್ ತುಪ್ಪ?”

“ಜಾಸ್ತಿ ಇಲ್ಲ. ಒಂದೇ ಸೌಟು. ಕ್ಯಾಂಟೀನ್ ಸೌಟು.”

ರಾಮಾಂಜಿನಪ್ಪನವರು ಕಂಬ ಹಿಡಿದುಕೊಳ್ಳುವಷ್ಟರಲ್ಲಿ ಕೆಳಗಿನಿಂದ ಸಾಬಿರಾ ಕೂಗಿದಳು: “ಅಣ್ಣಾ, ಮಲಾಯಿ ಸಾಕಾಯ್ತಾ? ಇನ್ನೊಂದ್ ಬಟ್ಲು ಇದೆ, ತರ್ಲಾ?”

ಒಳಗಿನಿಂದ ಪಟಾಲಮ್ಮನ ದನಿ ಎಲ್ಲರಿಗಿಂತ ಮೇಲೆದ್ದಿತು. “ತುಪ್ಪ, ಮಲಾಯಿ ಅಂತ ಹೆಸರು ತಗೋಬೇಡ್ರೇ! ನಾನು ಒಂದಿಡೀ ಕಾಯಿ, ಎರಡು ಹಿಡಿ ಗೋಡಂಬಿ ಅರೆದ್ ಹಾಕಿರೋದಕ್ಕೆ ಅದು ಸಾರಾಗಿರೋದು!”

ರಾಮಾಂಜಿನಪ್ಪನವರು ತಿರುಗಿ ನೋಡಿದರು. ಹಾರ್ಟ್ ಪೇಶೆಂಟ್ ಪೀರಪ್ಪನವರು ಐದನೆಯ ಉಂಡೆಯನ್ನು ಬಾಯಿಯ ಹತ್ತಿರಕ್ಕೆ ಒಯ್ದಿದ್ದರು.

ಒಂದೇ ನೆಗೆತ. ಬೀಗರ ಕೈಯಿಂದ ಉಂಡೆ, ಮುಂದಿನಿಂದ ತಟ್ಟೆ, ಎರಡನ್ನೂ ಕಿತ್ತುಕೊಂಡು ರಾಮಾಂಜಿನಪ್ಪನವರು ಗೋಡೆಗೆ ಬೆನ್ನು ಕೊಟ್ಟು ನಿಂತರು.

ಪೀರಪ್ಪನವರ ಐದು ಬೆರಳೂ ಗಾಳಿಯಲ್ಲಿಯೇ ಇದ್ದವು. ಅವರ ಮುಖ ಟೊಮೆಟೊ ಆಯಿತು.

“ಹೋದ್ ವರ್ಷ ಎಲೆಗೇ ಬರ್ಲಿಲ್ಲ. ಈ ವರ್ಷ ಬಾಯಿಗ್ ಬಂದಿದ್ದನ್ನ ಕಿತ್ಕೊಂಡ್ರಾ?” ಎಂದು ಎದ್ದರು. “ಇನ್ನು ಈ ಮನೆ ಹೊಸ್ತಿಲು…”

“ಬೀಗ್ರೇ, ಕಾಲಿಗ್ ಬೀಳ್ತೀನಿ, ಕೂತ್ಕೊಳ್ಳಿ, ಕೂಗಬೇಡಿ!” ರಾಮಾಂಜಿನಪ್ಪನವರು ಅಳುವ ದನಿಯಲ್ಲಿ ಹೇಳಿದರು. “ಇದು ಲೈಟಲ್ಲ. ತುಪ್ಪ, ಮಲಾಯಿ, ಕಾಯಿ, ಗೋಡಂಬಿ ಎಲ್ಲಾ ಬಿದ್ದದೆ. ನಿಮ್ ಹಾರ್ಟು!”

“ನನ್ ಹಾರ್ಟಾ? ನನ್ ಹಾರ್ಟಿಗೇನಾಗದೆ?”

“ಡಾಕ್ಟ್ರು ಹೇಳವ್ರೆ ಅಂತ ಹಂಸ…”

“ಡಾಕ್ಟ್ರು ಹೇಳಿರೋದು ನಿಮಗ್ ಕಣ್ರೀ!”

ಪೀರಪ್ಪನವರು ಜೇಬಿನಿಂದ ಮಡಿಚಿದ ಕಾಗದ ತೆಗೆದರು. ಹೋದ ವಾರ ಹಂಸ ಬಲವಂತದಿಂದ ಅಪ್ಪನನ್ನು ಕರೆದೊಯ್ದು ರಕ್ತ ಪರೀಕ್ಷೆ ಮಾಡಿಸಿದ್ದಳು. ರಿಪೋರ್ಟು ಅವಳ ಫೋನಿಗೆ ಬಂದಿತ್ತು, ಈ ಕಾಗದ ಅದರ ಪ್ರಿಂಟು. ಅದರಲ್ಲಿ ರಾಮಾಂಜಿನಪ್ಪನವರ ಹೆಸರಿನ ಕೆಳಗೆ ಅರ್ಧಕ್ಕರ್ಧ ಅಂಕಿಗಳು ಕೆಂಪಾಗಿದ್ದವು.

“ರಕ್ತದಲ್ಲಿ ಸಿಕ್ಕಾಪಟ್ಟೆ ಕೊಬ್ಬಂತೆ, ಹಾರ್ಟಿಗೆ ತೊಂದ್ರೆಯಂತೆ. ‘ಅಪ್ಪಂಗೆ ಅಂದ್ರೆ ಅವ್ರು ಲೈಟಾಗಿ ತಿನ್ನಲ್ಲ ಮಾವ, ನಿಮಗೋಸ್ಕರ ಅಂದ್ರೆ ಮಾತ್ರ ಮಾಡಿ ತಿಂತಾರೆ, ಆಮೇಲೆ ನೀವೇ ಮೆಲ್ಲಗೆ ರಿಪೋರ್ಟ್ ಕೊಡಿ’ ಅಂತ ಸೊಸೆ ಕೈ ಮುಗಿದ್ಲು. ಬೀಗ್ರಿಗೆ ಹಿಂಗಾಗಿರುವಾಗ ಎಂಥಾ ಮುನಿಸು ಅಂತ ಬಂದೆ. ನಂದೇನ್ರೀ, ಕಲ್ಲು ಗುಂಡು ಇದ್ದಂಗೆ ಇದ್ದೀನಿ!”

ರಾಮಾಂಜಿನಪ್ಪನವರು ಕಾಗದ ನೋಡಿದರು. ಕೈಯಲ್ಲಿದ್ದ ಉಂಡೆ ನೋಡಿದರು. ಉಂಡೆಯಿಂದ ತುಪ್ಪದ ಒಂದು ತೊಟ್ಟು ಮೊಣಕೈವರೆಗೆ ಇಳಿಯಿತು.

ಪೀರಪ್ಪನವರು ಬಹಳ ಮೃದುವಾಗಿ ಅವರ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಉಂಡೆಯನ್ನು ತೆಗೆದುಕೊಂಡರು. ಆಮೇಲೆ ತಟ್ಟೆ. ಆಮೇಲೆ ಚಾಪೆಯ ಮೇಲೆ ಕೂತು ರಾಮಾಂಜಿನಪ್ಪನವರ ತಟ್ಟೆಯಲ್ಲಿದ್ದ ಎರಡನ್ನೂ ತಮ್ಮ ಕಡೆಗೆ ಎಳೆದುಕೊಂಡರು. ಪಟಾಲಮ್ಮ ಮಗನ ಮುಂದೆ ಒಂದು ಬಟ್ಟಲು ನೀರುಮಜ್ಜಿಗೆ ತಂದಿಟ್ಟು, ಪಾತ್ರೆಯಲ್ಲಿ ಉಳಿದಿದ್ದ ಉಂಡೆಗಳನ್ನೂ ಬೀಗರಿಗೆ ಬಡಿಸಿಬಿಟ್ಟರು.

“ಅಮ್ಮಾ, ಒಂದಾದ್ರೂ…”

“ಬಾಯ್ ಮುಚ್ಕೊಂಡ್ ಮುದ್ದೆ ನುಂಗು.”

ಪೀರಪ್ಪನವರು ಕೊನೆಯ ಉಂಡೆ ಮುಗಿಸಿ, ಬೆರಳು ನೆಕ್ಕಿ, ಬೀಗರ ಬೆನ್ನು ಸವರಿದರು.

“ನೀವೇನೂ ಯೋಚ್ನೆ ಮಾಡ್ಬೇಡಿ. ಇನ್ಮೇಲೆ ನಿಮ್ ಹಾರ್ಟಿನ ಜವಾಬ್ದಾರಿ ನಂದು. ಪ್ರತಿ ಭಾನುವಾರ ಬರ್ತೀನಿ. ನೀವ್ ಹಿಂಗೇ ಮಾಡಿ, ಇವರೆಲ್ಲಾ ಹಿಂಗೇ ಹಾಕ್ಲಿ. ಒಂದೇ ಒಂದನ್ನೂ ಬಿಡದಂಗೆ ತಿಂತೀನಿ. ಉಳಿದ್ರೆ ತಾನೇ ನೀವ್ ತಿನ್ನೋದು?”

ರಾಮಾಂಜಿನಪ್ಪನವರು ಮುದ್ದೆ ಮುರಿದು ಮಜ್ಜಿಗೆಗೆ ಅದ್ದಿದರು.